ಸೆಕ್ಯುರಿಟಿ ಗಾರ್ಡ್ ಕೆಲಸಕ್ಕೆ ಕಾಗದ ಮಾಡಿಸಿಕೊಂಡ ಕಥೆ

"ಅಕ್ಕಾ, ಗಾರ್ಡ್ ಲೈಸೆನ್ಸ್ ಎಲ್ಲಿ ಮಾಡಿಸಿದ್ರಿ?" ಅಂತ ತಿಂಗಳಿಗೆ ಒಬ್ಬರಾದರೂ ಕೇಳುತ್ತಾರೆ. ಡ್ರೈವಿಂಗ್ ಲೈಸೆನ್ಸ್ ತರಹ ನಮ್ಮ ಹೆಸರಿಗೆ ಒಂದು ಕಾರ್ಡ್ ಬರುತ್ತದೆ ಅಂತ ಅವರ ಲೆಕ್ಕ. ನಾನೂ ಹಾಗೇ ಅಂದುಕೊಂಡಿದ್ದೆ. ನಮ್ಮಲ್ಲಿ ಲೈಸೆನ್ಸ್ ಇರುವುದು ಏಜೆನ್ಸಿಗೆ, ಗಾರ್ಡ್‌ಗೆ ಅಲ್ಲ. 2005ರಲ್ಲಿ ಬಂದ ಖಾಸಗಿ ಭದ್ರತಾ ಏಜೆನ್ಸಿಗಳ ಕಾಯ್ದೆ ಹೀಗೆ ಹೇಳುತ್ತದೆ. ಈ ಲೈನಿನಲ್ಲಿ ಇರುವವರು ಅದನ್ನು 'ಪಸಾರಾ' ಅನ್ನುತ್ತಾರೆ. ಗಾರ್ಡ್‌ಗೆ ಬೇಕಾದ್ದು ತರಬೇತಿ ಸರ್ಟಿಫಿಕೇಟ್, ಪೊಲೀಸ್ ವೆರಿಫಿಕೇಶನ್, ಮೆಡಿಕಲ್ ಫಿಟ್‌ನೆಸ್. ಇವು ಸರಿ ಇದ್ದರೆ ಏಜೆನ್ಸಿ ಫೋಟೊ ಇರುವ ಐಡಿ ಕಾರ್ಡ್ ಕೊಡುತ್ತದೆ. ಕೆಲಸ ಬಿಟ್ಟ ದಿನ ಕಾರ್ಡ್ ವಾಪಸ್ ಕೊಡಬೇಕು. ಸರ್ಟಿಫಿಕೇಟ್ ಮಾತ್ರ ನಮ್ಮ ಜೊತೆ ಬರುತ್ತದೆ.

ಇಷ್ಟು ತಿಳಿಯದೆ ನಾನು ನಾಲ್ಕು ತಿಂಗಳು ಯೂನಿಫಾರ್ಮ್ ಹಾಕಿಕೊಂಡು ಗೇಟಿನಲ್ಲಿ ನಿಂತಿದ್ದೆ.

ಅದಕ್ಕೂ ಮುಂಚೆ ಬೆಂಗಳೂರಿನ ಪೀಣ್ಯದಲ್ಲಿ ಗಾರ್ಮೆಂಟ್ಸ್ ಟೈಲರ್ ಆಗಿದ್ದೆ. 11 ವರ್ಷ ಕಾಲರ್ ಹೊಲಿದಿದ್ದೇನೆ. 2023ರ ಕೊನೆಯಲ್ಲಿ ನಮ್ಮ ಯೂನಿಟ್ ಮುಚ್ಚಿತು. ಆಗ ನನಗೆ 38. ಬೇರೆ ಫ್ಯಾಕ್ಟರಿಗಳಲ್ಲಿ ಚಿಕ್ಕ ಹುಡುಗಿಯರನ್ನೇ ಕೇಳುತ್ತಿದ್ದರು. ಲಗ್ಗೆರೆಯಲ್ಲಿ ನಮ್ಮ ಪಕ್ಕದ ಮನೆಯವರು ಒಂದು ಏಜೆನ್ಸಿಯಲ್ಲಿ ಸೂಪರ್‌ವೈಸರ್. "ಲೇಡಿ ಗಾರ್ಡ್ ಸಿಗ್ತಾ ಇಲ್ಲ, ಬನ್ನಿ" ಅಂದರು. ಆಧಾರ್ ಜೆರಾಕ್ಸ್, ಎರಡು ಫೋಟೊ ಕೊಟ್ಟೆ. ಮಾರನೇ ದಿನ ಗಂಡಸರ ಅಳತೆಯ ಶರ್ಟು, ಒಂದು ಟೋಪಿ, ಒಂದು ಅಪಾರ್ಟ್‌ಮೆಂಟ್ ಗೇಟು. ಯೂನಿಫಾರ್ಮ್ ಡಿಪಾಸಿಟ್ ಅಂತ ಮೊದಲ ಸಂಬಳದಲ್ಲೇ ಹಿಡಿದರು. ಯಾರೂ ಏನೂ ಹೇಳಿಕೊಡಲಿಲ್ಲ. ರಿಜಿಸ್ಟರ್‌ನಲ್ಲಿ ಬರೆಯೋದು, ಗೇಟ್ ತೆಗೆಯೋದು, ಅಷ್ಟೇ.

ಏಪ್ರಿಲ್‌ನಲ್ಲಿ ಒಂದು ಮಧ್ಯಾಹ್ನ ಬೇಸ್‌ಮೆಂಟಿನ ಕರೆಂಟ್ ಪ್ಯಾನೆಲ್‌ನಿಂದ ಹೊಗೆ ಬಂತು. ನಾನು ಗಿಡಕ್ಕೆ ನೀರು ಹಾಕುವ ಬಕೆಟ್ ಎತ್ತಿಕೊಂಡು ಓಡಿದೆ. ಎಸೆಯಬೇಕು ಅನ್ನುವಷ್ಟರಲ್ಲಿ ಎಲೆಕ್ಟ್ರಿಷಿಯನ್ ಹುಡುಗ ಕೂಗಿಕೊಂಡ. ಬಕೆಟ್ ಕಿತ್ತು ಪಕ್ಕಕ್ಕಿಟ್ಟ, ಮೇನ್ ಆಫ್ ಮಾಡಿದ, ಗೋಡೆಗೆ ನೇತುಹಾಕಿದ್ದ ಸಿಲಿಂಡರ್ ತೆಗೆದು ಊದಿದ. ಅರ್ಧ ನಿಮಿಷದಲ್ಲಿ ಎಲ್ಲ ಮುಗೀತು. "ನೀರು ಹಾಕಿದ್ದಿದ್ರೆ ನೀವೇ ಇರ್ತಿರಲಿಲ್ಲ ಅಕ್ಕಾ" ಅಂದ. ಆ ಸಿಲಿಂಡರ್ ಪಕ್ಕದಲ್ಲೇ ಕುರ್ಚಿ ಹಾಕಿಕೊಂಡು ನಾನು ದಿನಾ ಬುತ್ತಿ ಬಿಚ್ಚುತ್ತಿದ್ದೆ.

ಅದೇ ವಾರ ಫೀಲ್ಡ್ ಆಫೀಸರ್ ಒಂದು ಕಾಗದ ತಂದು ಸಹಿ ಕೇಳಿದರು. ತರಬೇತಿ ಸರ್ಟಿಫಿಕೇಟ್. ನನ್ನ ಹೆಸರು, ನನ್ನ ಫೋಟೊ, ಇಷ್ಟನೇ ತಾರೀಖಿನಿಂದ ಇಷ್ಟನೇ ತಾರೀಖಿನವರೆಗೆ ತರಬೇತಿ ಪಡೆದಿದ್ದಾರೆ ಅಂತ. ಆ ಅಷ್ಟೂ ದಿನ ನಾನು ಇದೇ ಗೇಟಿನಲ್ಲಿ 12 ಗಂಟೆ ಡ್ಯೂಟಿ ಮಾಡಿದ್ದೆ! ಕೇಳಿದರೆ "ಸುಮ್ನೆ ಫಾರ್ಮಾಲಿಟಿ ಅಮ್ಮಾ" ಅಂದರು. ನಾನು ಸಹಿ ಹಾಕಲಿಲ್ಲ. ಧೈರ್ಯದಿಂದ ಅಲ್ಲ, ಬಕೆಟ್ ನೆನಪಾಗಿ ಕೈ ನಡುಗಿತು. ತಿಂಗಳ ಕೊನೆಗೆ ಕೆಲಸ ಬಿಟ್ಟೆ.

ಎರಡನೇ ಸಲ ಏಜೆನ್ಸಿ ಹುಡುಕುವಾಗ ಮೊದಲು ಗೋಡೆ ನೋಡುತ್ತಿದ್ದೆ. ಲೈಸೆನ್ಸ್ ಅನ್ನು ಎಲ್ಲರಿಗೂ ಕಾಣುವ ಹಾಗೆ ಆಫೀಸಿನಲ್ಲಿ ಹಾಕಿರಲೇಬೇಕು, ಕಾಯ್ದೆಯಲ್ಲೇ ಇದೆ. ನಾನು ಹೋದ ಒಂದು ಕಡೆ ದೇವರ ಫೋಟೊ, ಕ್ಯಾಲೆಂಡರ್ ಬಿಟ್ಟರೆ ಗೋಡೆ ಖಾಲಿ. ಇನ್ನೊಂದು ಕಡೆ ಲೈಸೆನ್ಸ್ ಇತ್ತು, ತಾರೀಖು ಮುಗಿದಿತ್ತು. ಲೈಸೆನ್ಸ್ 5 ವರ್ಷಕ್ಕೆ ಕೊಡುತ್ತಾರೆ, ಆಮೇಲೆ ನವೀಕರಿಸಬೇಕು. ಯಾವ ಜಿಲ್ಲೆಗೆ ಅನ್ನುವುದನ್ನೂ ಓದಿ. ಒಂದು ಜಿಲ್ಲೆಗೆ ಆದರೆ ಶುಲ್ಕ 5,000 ರೂಪಾಯಿ, 5 ಜಿಲ್ಲೆಯವರೆಗೆ 10,000, ಇಡೀ ರಾಜ್ಯಕ್ಕೆ 25,000. ಲೈಸೆನ್ಸ್ ಇಲ್ಲದೆ ಏಜೆನ್ಸಿ ನಡೆಸಿದರೆ ಒಂದು ವರ್ಷದವರೆಗೆ ಜೈಲು ಆಗಬಹುದು. ಅಂಥ ಕಡೆ ಸೇರಿದ ನಮಗೆ ಜೈಲೇನೂ ಇಲ್ಲ, ಆದರೆ ಒಂದು ದಿನ ಶಟರ್ ಎಳೆದರೆ ಬಾಕಿ ಸಂಬಳ ಯಾರನ್ನು ಕೇಳುತ್ತೀರಿ? ಇನ್ನೊಂದು, ಪಿಎಫ್ ಹಿಡಿಯುತ್ತೇವೆ ಅಂದರೆ ಯುಎಎನ್ ನಂಬರ್ (ಕೆಲಸ ಬದಲಾದರೂ ಬದಲಾಗದ ಪಿಎಫ್ ನಂಬರ್) ಕೇಳಿ ಬರೆದುಕೊಳ್ಳಿ. ಇಎಸ್‌ಐಗೆ, ಅಂದರೆ ಕಾರ್ಮಿಕರ ಆಸ್ಪತ್ರೆ ವಿಮೆಗೆ, ನಮ್ಮ ಕೈಯಿಂದ ಹೋಗುವುದು ಸಂಬಳದ ಸಾವಿರಕ್ಕೆ ಏಳೂವರೆ ರೂಪಾಯಿ. ಅದಕ್ಕಿಂತ ಜಾಸ್ತಿ ಹಿಡಿದಿದ್ದರೆ ಕೇಳಿ.

ಮೂರನೇ ಏಜೆನ್ಸಿಯ ಗೋಡೆ ಸರಿ ಇತ್ತು. ಅವರು ಮೊದಲು ಮೈಕಟ್ಟಿನ ಅಳತೆ ಹೇಳಿದರು. ಗಂಡಸರಿಗೆ 160 ಸೆಂಟಿಮೀಟರ್ ಎತ್ತರ, ಎದೆ 80, ಉಸಿರು ಎಳೆದರೆ 4 ಹಿಗ್ಗಬೇಕು. ಹೆಂಗಸರಿಗೆ 150 ಎತ್ತರ, ಎದೆ ಅಳತೆ ಇಲ್ಲ. ಮನೆಗೆ ಬಂದು ನನ್ನ ಟೈಲರ್ ಟೇಪ್ ತೆಗೆದೆ. ಟೇಪಿನ ಉದ್ದವೇ 150 ಅಲ್ವಾ! ಬಾಗಿಲ ಚೌಕಟ್ಟಿಗೆ ನಿಂತೆ, ಮಗಳು ಹಿಡಿದಳು. ಟೇಪ್ ಮುಗಿದ ಮೇಲೆ ನನ್ನ ತಲೆ ಒಂದು ಬೆರಳು ಉಳಿಯಿತು. "ಕೂದಲು ಒತ್ತಿ ಹಿಡಿ" ಅಂದೆ. ಆಗಲೂ ಅರ್ಧ ಬೆರಳು ಉಳಿಯಿತು.

ಕಣ್ಣಿಗೆ ಕನ್ನಡಕ ಹಾಕಿಕೊಂಡು ಸರಿ ಕಂಡರೆ ಸಾಕು, ಆದರೆ ಬಣ್ಣಗುರುಡು ಇರಬಾರದು. ಚುಕ್ಕಿ ಚುಕ್ಕಿ ಪುಸ್ತಕ ತೋರಿಸಿ ಅಂಕಿ ಓದಿ ಅಂದರು. ನೂಲಿನ ಶೇಡ್ ನೋಡಿ ಬದುಕಿದವಳು ನಾನು, ಅದೇನೂ ಕಷ್ಟ ಆಗಲಿಲ್ಲ. ಪಾದ ಒದ್ದೆ ಮಾಡಿ ನೆಲದ ಮೇಲೆ ಊರಿಸಿದರು, ಚಪ್ಪಟೆ ಪಾದ ಇದೆಯಾ ಅಂತ. ಇಂಗ್ಲಿಷ್ ಅಕ್ಷರ, ಅಂಕಿ ಓದಲು ಬರಬೇಕು. ಗಾಡಿ ನಂಬರ್, ಐಡಿ ಕಾರ್ಡ್ ನೋಡುವ ಕೆಲಸ ತಾನೇ. ನಾನು ಏಳನೇ ಕ್ಲಾಸು. ಆದರೆ ಎಸ್, ಎಂ, ಎಲ್, ಎಕ್ಸ್‌ಎಲ್, ಸ್ಟೈಲ್ ನಂಬರ್ ದಿನಾ ಓದಿ ರೂಢಿ ಇತ್ತು.

ಸಿಕ್ಕಿಬಿದ್ದದ್ದು ಓಟದಲ್ಲಿ. 1 ಕಿಲೋಮೀಟರ್ 6 ನಿಮಿಷದಲ್ಲಿ ಓಡಬೇಕು. 11 ವರ್ಷ ಸ್ಟೂಲಿನ ಮೇಲೆ ಕೂತ ಕಾಲು ನನ್ನದು. ಮೊದಲ ದಿನ ಮೈದಾನದಲ್ಲಿ ಎರಡು ಸುತ್ತಿಗೇ ಪಕ್ಕೆ ಹಿಡಿದು ಕೂತೆ. ಒಟ್ಟು 9 ನಿಮಿಷ ಚಿಲ್ಲರೆ. ಬೆಳಿಗ್ಗೆ ಐದೂವರೆಗೆ ಚೂಡಿದಾರ್ ಹಾಕಿಕೊಂಡು ಓಡುವವಳನ್ನು ವಾಕಿಂಗ್ ಬರುವ ಹಿರಿಯರು ನಿಂತು ನೋಡುತ್ತಿದ್ದರು. ಮಗಳು ಮೊಬೈಲ್‌ನಲ್ಲಿ ಟೈಮ್ ಹಿಡಿದಳು. ಐದು ವಾರ ಬೇಕಾಯಿತು. ಕೊನೆಗೆ 5 ನಿಮಿಷ 50 ಸೆಕೆಂಡ್. ಮೊದಲು ಜೋರಾಗಿ ಓಡಿ ಸುಸ್ತಾಗುವ ತಪ್ಪು ಮಾಡಬೇಡಿ. ನಿಧಾನ ಶುರು ಮಾಡಿ, ಕೊನೆಯ ಸುತ್ತಿಗೆ ಉಸಿರು ಉಳಿಸಿಕೊಳ್ಳಿ.

ತರಬೇತಿ ಆದದ್ದು 2024ರ ಆಗಸ್ಟ್‌ನಲ್ಲಿ. ಕ್ಲಾಸಿನಲ್ಲಿ 100 ಗಂಟೆ, ಹೊರಗೆ 60 ಗಂಟೆ, ಕಡಿಮೆ ಅಂದರೂ 20 ದಿನ. ಆರ್ಮಿ, ಪೊಲೀಸ್‌ನಿಂದ ಬಂದವರಿಗೆ 40 ಮತ್ತು 16 ಗಂಟೆ, 7 ದಿನಕ್ಕೆ ಮುಗಿಯುತ್ತದೆ. ನಮ್ಮ ಬ್ಯಾಚಿನಲ್ಲಿ 31 ಜನ, ಅದರಲ್ಲಿ ಆರು ಹೆಂಗಸರು. ಹೇಳಿಕೊಟ್ಟವರು ಸೇನೆಯಿಂದ ನಿವೃತ್ತರಾದ ಒಬ್ಬ ಸುಬೇದಾರ್. ಪೊಲೀಸ್ ಮತ್ತು ಸೇನೆಯ ಭುಜದ ಪಟ್ಟಿ ಗುರುತಿಸುವುದು, ಜನಸಂದಣಿ ಸಂಭಾಳಿಸುವುದು, ಅನುಮಾನದ ಬ್ಯಾಗ್ ಕಂಡರೆ ಮುಟ್ಟದೆ ದೂರ ಸರಿಸುವುದು (ಬ್ಯಾಗನ್ನಲ್ಲ, ಜನರನ್ನು), ಬೊಂಬೆಯ ಎದೆ 30 ಸಲ ಒತ್ತಿ ಎರಡು ಸಲ ಉಸಿರು ಕೊಡುವುದು ಎಲ್ಲ ಇತ್ತು. ಮಧ್ಯಾಹ್ನದ ಥಿಯರಿಯಲ್ಲಿ ಅರ್ಧ ಕ್ಲಾಸು ತೂಕಡಿಸುತ್ತಿತ್ತು, ನಾನೂ.

ಬೆಂಕಿಯ ದಿನ ಮಾತ್ರ ಕಣ್ಣು ಮಿಟುಕಿಸಲಿಲ್ಲ. ಕರೆಂಟ್ ಬೆಂಕಿಗೆ ನೀರಲ್ಲ, ನೊರೆಯೂ ಅಲ್ಲ. ಕಾರ್ಬನ್ ಡೈಆಕ್ಸೈಡ್, ಇಲ್ಲ ಒಣ ಪುಡಿಯ ಸಿಲಿಂಡರ್. ಪಿನ್ ಎಳೆ, ಬೆಂಕಿಯ ಬುಡಕ್ಕೆ ಗುರಿ ಹಿಡಿ, ಒತ್ತು, ಆ ಕಡೆ ಈ ಕಡೆ ಆಡಿಸು. ನಾನು ಉತ್ಸಾಹದಲ್ಲಿ ಸಿಲಿಂಡರಿನ ಕಹಳೆಯ ಥರದ ಬಾಯಿಯನ್ನೇ ಹಿಡಿಯಲು ಹೋದೆ. ಸುಬೇದಾರ್ ಸಾಹೇಬರು ನನ್ನ ಮಣಿಕಟ್ಟು ಹಿಡಿದು ಎಳೆದರು. ಗ್ಯಾಸ್ ಹೊರಗೆ ಬರುವಾಗ ಅದು ಎಷ್ಟು ತಣ್ಣಗಾಗುತ್ತದೆ ಅಂದರೆ ಚರ್ಮ ಹೆಪ್ಪುಗಟ್ಟುತ್ತದಂತೆ. ಹಿಡಿಯಬೇಕಾದ್ದು ಹ್ಯಾಂಡಲ್. ಊದಿ ಮುಗಿದ ಮೇಲೆ ನೋಡಿದರೆ ಆ ಬಾಯಿಯ ಸುತ್ತ ಬೆಳ್ಳಗೆ ಮಂಜು ಕೂತಿತ್ತು.

ಕಾನೂನಿನ ಕ್ಲಾಸು ಒಂದು ತಮಾಷೆ. ನಮಗೆ ಕೊಟ್ಟ ಪುಸ್ತಕದಲ್ಲಿ ಹಳೇ ದಂಡ ಸಂಹಿತೆ ಐಪಿಸಿಯ ಸೆಕ್ಷನ್‌ಗಳು. ಆದರೆ ಜುಲೈ 1ರಿಂದ ಅದರ ಬದಲು ಭಾರತೀಯ ನ್ಯಾಯ ಸಂಹಿತೆ ಜಾರಿಗೆ ಬಂದಿತ್ತು. ಎಲ್ಲ ನಂಬರ್ ಹೊಡೆದು ಪೆನ್ಸಿಲ್‌ನಲ್ಲಿ ಹೊಸದು ಬರೆದುಕೊಂಡೆವು. ನಂಬರ್ ನನಗೆ ಈಗ ನೆನಪಿರುವುದು ಒಂದೇ. ಅದರ ಜೊತೆಗೇ ಬಂದ, ಬಂಧನ-ವಿಚಾರಣೆಯ ಕಾನೂನು ನಾಗರಿಕ ಸುರಕ್ಷಾ ಸಂಹಿತೆಯ 40. ಜಾಮೀನು ಹಕ್ಕಾಗಿ ಸಿಗದ, ಪೊಲೀಸರು ವಾರಂಟ್ ಇಲ್ಲದೆ ಹಿಡಿಯಬಹುದಾದ ದೊಡ್ಡ ಅಪರಾಧ ನಮ್ಮ ಕಣ್ಣೆದುರೇ ನಡೆದರೆ, ಸಾಮಾನ್ಯ ಮನುಷ್ಯರೂ ಆರೋಪಿಯನ್ನು ಹಿಡಿದಿಡಬಹುದು. ಆದರೆ 6 ಗಂಟೆಯೊಳಗೆ ಪೊಲೀಸರ ಕೈಗೆ ಕೊಡಬೇಕು. ಗಾರ್ಡ್‌ಗೆ ಇರುವ ಅಧಿಕಾರ ಅಷ್ಟೇ, ದಾರಿಹೋಕರಿಗೆ ಇರುವಷ್ಟೇ. "ಹಿಡೀಬಹುದು, ಹೊಡೆಯೋ ಹಾಗಿಲ್ಲ. ಗೇಟಿಗೆ ಕಟ್ಟಿ ಹಾಕಿ ಫೋಟೊ ತೆಗೆದರೆ ಒಳಗೆ ಹೋಗೋದು ನೀವೇ" ಅಂದರು ಸಾಹೇಬರು. ಅದರ ಹಿಂದಿನ ತಿಂಗಳಷ್ಟೇ ಮಾಗಡಿ ರಸ್ತೆಯ ಮಾಲ್ ಒಂದರಲ್ಲಿ ಪಂಚೆ ಉಟ್ಟ ರೈತರೊಬ್ಬರನ್ನು ಗಾರ್ಡ್‌ಗಳು ಬಾಗಿಲಲ್ಲೇ ತಡೆದಿದ್ದರು. ವಿಧಾನಸಭೆಯಲ್ಲೂ ಆ ಮಾತು ಬಂತು, ಕೆಲವು ದಿನ ಮಾಲ್‌ಗೆ ಬೀಗ ಬಿತ್ತು. ಆ ದಿನ ಕ್ಲಾಸಿನಲ್ಲಿ ಜೋರು ಚರ್ಚೆ. ಮೇಲಿನವರು ಹೇಳಿದ್ದನ್ನು ಗಾರ್ಡ್ ಮಾಡ್ತಾನೆ, ಬೈಸಿಕೊಳ್ಳೋದೂ ಅವನೇ ಅಂತ ಒಬ್ಬ ಹುಡುಗ ಅಂದ. ನನಗೂ ಹಾಗೇ ಅನ್ನಿಸುತ್ತದೆ. ಆದರೂ ನಮ್ಮ ಅಪ್ಪನೂ ಪಂಚೆಯವರೇ.

ಹೆಂಗಸರ ತಪಾಸಣೆ ಹೇಳಿಕೊಡಲು ಬೇರೆ ಮೇಡಂ ಬಂದಿದ್ದರು. ಪರದೆ ಹಿಂದೆ, ಮೊದಲು ಮಾತಿನಲ್ಲಿ ಕೇಳಿ, ಆಮೇಲೆ ಮೆಟಲ್ ಡಿಟೆಕ್ಟರ್, ಬೇಕಾದರೆ ಮಾತ್ರ ಕೈ. ನನಗೆ ಇದು ಹೊಸದಲ್ಲ. 11 ವರ್ಷ ಫ್ಯಾಕ್ಟರಿ ಗೇಟಿನಲ್ಲಿ ಸಂಜೆ ಸಂಜೆ ನನ್ನ ಮೈ ತಡವಿದ್ದಾರೆ, ಬಟ್ಟೆ ತುಂಡು ಕದ್ದಿದ್ದೀಯಾ ಅಂತ. ಬ್ಲೌಸಿನೊಳಗೆ ಕೈ ಹಾಕಿದವರೂ ಇದ್ದರು. ಬಸ್ ತಪ್ಪುತ್ತದೆ ಅಂತ ಸುಮ್ಮನೆ ಕೈ ಎತ್ತಿ ನಿಲ್ಲುತ್ತಿದ್ದೆವು. ಮೇಡಂ ನನ್ನನ್ನು ಕರೆದು ಒಬ್ಬಳನ್ನು ತಪಾಸಣೆ ಮಾಡು ಅಂದರು. ಹೊಲಿಗೆ ಎಲ್ಲಿ ದಪ್ಪ ಇರುತ್ತದೆ, ಮಡಿಕೆ ಎಲ್ಲಿ, ಕಳ್ಳ ಜೇಬು ಎಲ್ಲಿ ಇಡುತ್ತಾರೆ, ಬೆರಳಿಗೇ ಗೊತ್ತು. ಪ್ಯಾಂಟಿನ ಲಾಡಿ ಪಟ್ಟಿಯಲ್ಲಿ ಅವಳು ಬಚ್ಚಿಟ್ಟಿದ್ದ ಬ್ಲೇಡ್ ಕವರ್ ಹತ್ತು ಸೆಕೆಂಡಿನಲ್ಲಿ ಸಿಕ್ಕಿತು, ಎಲ್ಲೂ ಒತ್ತಲಿಲ್ಲ. ಈಗ ಡ್ಯೂಟಿಯಲ್ಲೂ "ಅಮ್ಮಾ, ಸ್ವಲ್ಪ ಕೈ ಎತ್ತುತ್ತೀರಾ" ಅಂತ ಕೇಳದೆ ಮುಟ್ಟುವುದಿಲ್ಲ.

ತರಬೇತಿ ಮುಗಿದರೂ ಪೊಲೀಸ್ ವೆರಿಫಿಕೇಶನ್ ಬಂದಿರಲಿಲ್ಲ. ಇಲ್ಲಿ ನನ್ನದೇ ತಪ್ಪು. ಹಿಂದಿನ 5 ವರ್ಷದಲ್ಲಿ ಎಷ್ಟು ಜಿಲ್ಲೆಯಲ್ಲಿ ಇದ್ದಿರೋ ಅಷ್ಟು ಫಾರಂ ಕೊಡಬೇಕು. ಕೊರೊನಾದಲ್ಲಿ ಫ್ಯಾಕ್ಟರಿ ನಿಂತಾಗ ನಾನು ಮಧುಗಿರಿ ಹತ್ತಿರ ನಮ್ಮೂರಿಗೆ ಹೋಗಿ ಒಂದು ವರ್ಷ ಇದ್ದೆ. ಅದನ್ನು ಲೆಕ್ಕಕ್ಕೇ ತಗೊಂಡಿರಲಿಲ್ಲ. ಬೆಂಗಳೂರಿನದು ಒಂದೇ ಕೊಟ್ಟಿದ್ದೆ. ಆಮೇಲೆ ತುಮಕೂರು ಜಿಲ್ಲೆಯದು ಬೇರೆ ಹಾಕಬೇಕಾಯಿತು. ಆಧಾರ್‌ನಲ್ಲಿ ಊರಿನ ವಿಳಾಸ, ಇರುವುದು ಲಗ್ಗೆರೆಯ ಬಾಡಿಗೆ ಮನೆ. ಕರಾರು ಪತ್ರ ಇರಲಿಲ್ಲ, ಓನರ್ ಅಜ್ಜಿ ಬಾಯಿಮಾತಿನಲ್ಲೇ ಮನೆ ಕೊಟ್ಟಿದ್ದರು. ಛಾಪಾ ಕಾಗದದಲ್ಲಿ ಬರೆಸಿಕೊಂಡೆ. ಮನೆ ಹತ್ತಿರ ಬಂದ ಪೊಲೀಸಪ್ಪ ಅಜ್ಜಿಯನ್ನು ಕೇಳಿದ್ದು ಒಂದೇ ಪ್ರಶ್ನೆ, "ಹೇಗಮ್ಮ ಇವರು?" ಅಜ್ಜಿ "ಬಾಡಿಗೆ ಸರಿಯಾಗಿ ಕೊಡ್ತಾಳೆ" ಅಂದರು. ಅವರ ಪ್ರಕಾರ ಅದಕ್ಕಿಂತ ದೊಡ್ಡ ನಡತೆ ಪ್ರಮಾಣಪತ್ರ ಇಲ್ಲ. ವರದಿ ಒಮ್ಮೆ ಬಂದರೆ 3 ವರ್ಷ ನಡೆಯುತ್ತದೆ. ತರಬೇತಿಗೆ ಸೇರುವ ದಿನವೇ ಫಾರಂ ಹಾಕಿ, ನನ್ನ ಹಾಗೆ ಒಂದು ತಿಂಗಳು ಸಂಬಳ ಇಲ್ಲದೆ ಕಾಯಬೇಡಿ.

ಯೂನಿಫಾರ್ಮ್ ಬಗ್ಗೆ ನಿಯಮದಲ್ಲಿ ಎಷ್ಟು ಸಣ್ಣ ಸಣ್ಣ ವಿಷಯ ಇದೆ ಅಂದರೆ ಓದಿ ನಗು ಬಂತು. ವಿಸಿಲ್ ದಾರಕ್ಕೆ ಕಟ್ಟಿ ಎಡ ಜೇಬಿನಲ್ಲಿ ಇರಬೇಕು. ಶೂಗೆ ಲೇಸ್ ಇರಬೇಕು. ಐಡಿ ಕಾರ್ಡ್ ಸೊಂಟಕ್ಕಿಂತ ಮೇಲೆ, ಹೊರಗೆ ಕಾಣಬೇಕು. ಜೊತೆಗೆ ಒಂದು ನೋಟ್‌ಬುಕ್, ಪೆನ್ನು. ಪೊಲೀಸ್, ಸೇನೆಯ ಬಟ್ಟೆ ಥರ ಕಾಣಿಸಿದರೆ ಮಾತ್ರ ನಗುವ ವಿಷಯ ಅಲ್ಲ, ಒಂದು ವರ್ಷದವರೆಗೆ ಜೈಲು. ಬಟ್ಟೆ ತೀರಾ ಬಿಗಿ ಇರಬಾರದು, ತೀರಾ ಸಡಿಲವೂ ಇರಬಾರದು ಅಂತಲೂ ಬರೆದಿದೆ. ಬ್ಯಾಚಿನ ಆರೂ ಹೆಂಗಸರ ಪ್ಯಾಂಟು ನಾನೇ ಆಲ್ಟರ್ ಮಾಡಿಕೊಟ್ಟೆ.

ಈಗ ಒಂದು ಆಸ್ಪತ್ರೆಯಲ್ಲಿ ಡ್ಯೂಟಿ. ವರ್ಷಕ್ಕೊಮ್ಮೆ ಮೆಡಿಕಲ್ ಇದೆ, ಹಾಗಾಗಿ ಓಟ ಬಿಟ್ಟಿಲ್ಲ. ಹೋದ ತಿಂಗಳಿಂದ ಹಳೇ ಫ್ಯಾಕ್ಟರಿಯ ಗೆಳತಿ ಒಬ್ಬಳು ಜೊತೆಗೆ ಬರುತ್ತಿದ್ದಾಳೆ. ಟೇಪ್ ಹಿಡಿದು ನೋಡಿದೆ, ಎತ್ತರ ಸಾಕು. ಫಾರಂ ಮೊದಲೇ ಹಾಕಿಸಿದ್ದೇನೆ. ಶೂ ಇಲ್ಲ ಅವಳಿಗೆ, ನನ್ನ ಹಳೇ ಜೊತೆ ಕೊಟ್ಟೆ. ನನ್ನದು 6, ಅವಳದು 5. ಎರಡು ಕಾಲ್ಚೀಲ ಹಾಕಿಕೊಂಡು ಓಡುತ್ತಾಳೆ. ನಿನ್ನೆ 7 ನಿಮಿಷ 20 ಸೆಕೆಂಡ್.