ದಾರಿ ಕೇಸಿನಲ್ಲಿ ‘ಯಥಾಸ್ಥಿತಿ’ ಕೇಳಿ ಕಲಿತ ಪಾಠ

ವಕೀಲಿಕೆ ಶುರು ಮಾಡಿದ ಮೂರನೇ ವರ್ಷ. ಮಂಡ್ಯ ಕಡೆಯ ಕಬ್ಬಿನ ಸೀಮೆ. ಎರಡು ಎಕರೆ ಕಬ್ಬು ಹಾಕಿದ್ದ ರೈತರೊಬ್ಬರು ಪಹಣಿ, ವಿಭಾಗ ಪತ್ರ ಹಿಡಿದು ಬಂದರು. ಹೊಲಕ್ಕೆ ಹೋಗುವ ಬಂಡಿದಾರಿಗೆ ದಾಯಾದಿಗಳು ಅಡ್ಡಿ ಮಾಡುತ್ತಿದ್ದಾರೆ ಅಂದರು. ಕಾಗದ ನೋಡಿ ಅಂದೇ ವಾದಪತ್ರ ಬರೆದೆ. ಐಎಯಲ್ಲಿ, ಅಂದರೆ ದಾವೆಯೊಳಗಿನ ಮಧ್ಯಂತರ ಅರ್ಜಿಯಲ್ಲಿ, ಯಥಾಸ್ಥಿತಿ ಕಾಪಾಡಬೇಕೆಂದು ಕೇಳಿದೆ, ಆದೇಶವೂ ಆಯಿತು. ವಾರದೊಳಗೆ ಅವರು ಮತ್ತೆ ಬಂದು ನಿಂತರು. “ಸಾಮಿ, ಸ್ಟೇ ಸಿಕ್ತು ಅಂದ್ರಿ. ಅವ್ರು ತೋಡಿರೋ ಗುಂಡಿ ಹಂಗೇ ಅದೆ. ಮುಚ್ಚಕ್ಕೋದ್ರೆ ನಿಮ್ ಆರ್ಡರನ್ನೇ ನಂಗೆ ತೋರುಸ್ತಾರೆ.”

ದಾವೆ ಹಾಕುವ ಹಿಂದಿನ ರಾತ್ರಿಯೇ ದಾಯಾದಿಗಳು ಜೆಸಿಬಿ ತರಿಸಿ ದಾರಿಗೆ ಅಡ್ಡಲಾಗಿ ತೋಡಿಸಿದ್ದರು. ರೈತರಿಗೆ ಗೊತ್ತಿತ್ತು, ನಾನು ಕೇಳಿರಲಿಲ್ಲ. ದಾವೆಯ ದಿನ ಇದ್ದ ಸ್ಥಿತಿ ಅಂದರೆ ಗುಂಡಿ ಇದ್ದ ಸ್ಥಿತಿ. ನಾನು ತಂದ ಆದೇಶವೇ ಆ ಗುಂಡಿಗೆ ಕಾವಲು ಕೂತಿತು. ಆ ಸಲ ಕಬ್ಬನ್ನು ಆಳುಗಳ ತಲೆ ಮೇಲೆ ಹೊರಿಸಿ ರಸ್ತೆಗೆ ಸಾಗಿಸಿದರು. ಅವರು ಕೊಟ್ಟ ಆ ಕೂಲಿ ನೆನೆದರೆ ಇವತ್ತಿಗೂ ಸಂಕಟವಾಗುತ್ತದೆ.

ಅಂದಿನಿಂದ ದಾರಿ ಕೇಸು ಬಂದರೆ ಮೊದಲು ಸ್ಥಳಕ್ಕೆ ಹೋಗುತ್ತೇನೆ. ಇತ್ತೀಚಿನ ಒಂದು ಕೇಸಿನಲ್ಲಿ ಪ್ರತಿವಾದಿ ಅಲ್ಲಿ ದಾರಿಯೇ ಇರಲಿಲ್ಲ ಎನ್ನುತ್ತಿದ್ದರು, ಉತ್ತು ಸಮ ಮಾಡಿಯೂ ಬಿಟ್ಟಿದ್ದರು. ಆದರೆ ಹುಣಸೆ ಮರದ ಬುಡದಲ್ಲಿ ಒಂದು ಹಾಸುಬಂಡೆ ಇತ್ತು. ಅದರ ಮೇಲೆ ಎತ್ತಿನಗಾಡಿಯ ಗಾಲಿ ಸವೆಸಿದ ಎರಡು ಗೀರು, ಬೆರಳು ಮುಳುಗುವಷ್ಟು ಆಳ. ಟೇಪು ಹಿಡಿದು ಫೋಟೊ ತೆಗೆದು ಅರ್ಜಿ ಜೊತೆ ಇಟ್ಟೆ. ವಾದದ ದಿನ ನ್ಯಾಯಾಧೀಶರು ಎಲ್ಲ ಕಾಗದಕ್ಕಿಂತ ಹೆಚ್ಚು ಹೊತ್ತು ಆ ಫೋಟೊ ನೋಡಿದರು.

ಆಮೇಲೆ, ಹಕ್ಕು ಯಾವುದು ಅಂತ ತೀರ್ಮಾನ ಮಾಡಿಕೊಳ್ಳಬೇಕು. ಗ್ರಾಮ ನಕಾಶೆಯಲ್ಲೇ ದಾರಿ ಇದ್ದರೆ ಅದು ಊರ ದಾರಿ, ವಾದವೇ ಬೇರೆ. ಒಂದೇ ಮನೆಯ ಜಮೀನು ಪಾಲಾಗಿ ಹಿಂದಿನ ತುಂಡಿಗೆ ಬೇರೆ ದಾರಿಯೇ ಇಲ್ಲವಾದರೆ 1882ರ ಈಸ್‌ಮೆಂಟ್ (ಪರರ ನೆಲವನ್ನು ದಾರಿಯಂಥ ಕೆಲಸಕ್ಕೆ ಬಳಸುವ ಹಕ್ಕು) ಕಾಯ್ದೆಯ 13ನೇ ಕಲಮು, ಅಂದರೆ ಅಗತ್ಯದಿಂದ ಹುಟ್ಟುವ ಹಕ್ಕು. ಪರರ ಹೊಲದ ಮೇಲಾದರೆ 15ನೇ ಕಲಮು: 20 ವರ್ಷ ಅಡೆತಡೆಯಿಲ್ಲದೆ, ಹಕ್ಕಿನಿಂದ ಓಡಾಡಿರಬೇಕು, ಆ 20 ವರ್ಷ ದಾವೆಗೆ ಹಿಂದಿನ ಎರಡು ವರ್ಷದೊಳಗೆ ಮುಗಿದಿರಬೇಕು. ಬದು ನಮ್ಮದೇ ಅಂತಲೂ, ಅದರ ಮೇಲೆ ಈಸ್‌ಮೆಂಟ್ ಇದೆ ಅಂತಲೂ ಒಟ್ಟಿಗೆ ಬರೆದ ವಾದಪತ್ರಗಳನ್ನು ಕಂಡಿದ್ದೇನೆ. ತನ್ನ ನೆಲದ ಮೇಲೆ ತನಗೇ ಈಸ್‌ಮೆಂಟ್ ಇರುವುದಿಲ್ಲ. ಎದುರಿನವರು ಆಕ್ಷೇಪಣೆಯಲ್ಲಿ ಅದನ್ನೇ ಹಿಡಿದು ಎಳೆಯುತ್ತಾರೆ. ಸುತ್ತು ದಾರಿ ಇದ್ದರೆ ಅಫಿಡವಿಟ್‌ನಲ್ಲಿ ಬಚ್ಚಿಡಬಾರದು. ಬಚ್ಚಿಟ್ಟದ್ದು ಹೊರಬಿದ್ದ ದಿನ ಆದೇಶ ತೆರವಾಗುತ್ತದೆ.

ವಾದಪತ್ರದ ಷೆಡ್ಯೂಲಿನಲ್ಲಿ (ಆಸ್ತಿ ವಿವರದ ಭಾಗದಲ್ಲಿ) ದಾರಿ ಎಲ್ಲಿ ಶುರು, ಯಾವ ಸರ್ವೆ ನಂಬರಿನ ಯಾವ ಅಂಚಿನಲ್ಲಿ, ಎಷ್ಟು ಅಡಿ ಅಗಲ, ಎಲ್ಲಿ ಕೊನೆ ಎಂದು ಬರೆದು ಕೈ ನಕ್ಷೆ ಲಗತ್ತಿಸುತ್ತೇನೆ. ಬಂಡಿ ಓಡಾಡಿದ ಅಗಲಕ್ಕೆ ಲಾರಿ ಹೋಗುವಷ್ಟು ಕೇಳಿದರೆ ಇಡೀ ಅರ್ಜಿಯ ಮೇಲೆ ನಂಬಿಕೆ ಹೋಗುತ್ತದೆ.

ಗುಂಡಿ ತೋಡಿಯಾಗಿದ್ದರೆ ಬರೀ ತಡೆಯಾಜ್ಞೆ ಸಾಲದು. ದಾರಿಯನ್ನು ಮೊದಲಿನಂತೆ ಮಾಡಿಕೊಡಿ ಎಂಬ ಮ್ಯಾಂಡೇಟರಿ ಆದೇಶ ಕೇಳಬೇಕು. ಡೊರಾಬ್ ಕವಾಸ್ಜಿ ವಾರ್ಡನ್ ಪ್ರಕರಣದಲ್ಲಿ (1990) ಸುಪ್ರೀಂ ಕೋರ್ಟ್ ಹೇಳಿದಂತೆ, ಜಗಳ ಹುಟ್ಟುವ ಮುಂಚಿನ ಕೊನೆಯ ನಿರ್ವಿವಾದ ಸ್ಥಿತಿಯನ್ನು ಮರಳಿಸಲು ಅಂಥ ಆದೇಶ ಕೊಡಬಹುದು. ಆದರೆ ಮೇಲ್ನೋಟದ ಕೇಸು ಇದ್ದರೆ ಸಾಲದು, ಅದಕ್ಕಿಂತ ಗಟ್ಟಿಯಾಗಿರಬೇಕು. ಅದಕ್ಕೇ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 26, ನಿಯಮ 9ರಲ್ಲಿ, ಸ್ಥಳ ನೋಡಿ ಕೋರ್ಟಿಗೆ ವರದಿ ಕೊಡುವ ಕಮಿಷನರ್ ನೇಮಕಕ್ಕೂ ಅದೇ ದಿನ ಅರ್ಜಿ ಹಾಕುತ್ತೇನೆ. ಹಸಿ ಮಣ್ಣು ಒಣಗುವ ಮುಂಚೆ ಕಮಿಷನರ್ ನೋಡಿದರೆ ಗುಂಡಿ ಹೊಸದೋ ಹಳೆಯದೋ ವರದಿಯಲ್ಲೇ ಬರುತ್ತದೆ.

ತುಂಬಲಾರದ ನಷ್ಟ ತೋರಿಸಲು ಉದ್ದುದ್ದ ಮಾತು ಬೇಡ. ಸಕ್ಕರೆ ಕಾರ್ಖಾನೆ ಕೊಟ್ಟ ಕಟಾವು ಚೀಟಿ ಇಡಿ. ಅದರಲ್ಲಿ ತಾರೀಖಿರುತ್ತದೆ. ಕಡಿದ ಕಬ್ಬು ಹೊಲದಲ್ಲೇ ಬಿದ್ದರೆ ದಿನದಿನಕ್ಕೂ ತೂಕ ಇಳಿಯುತ್ತದೆ.

ಎದುರಿನವರಿಗೆ ನೋಟಿಸಿಲ್ಲದೆ ಆದೇಶವಾದ ಸಂಜೆ ನಾನು ಖುದ್ದು ಅಂಚೆ ಕಚೇರಿಗೆ ಹೋಗುತ್ತೇನೆ. ಅದೇ ಸಂಹಿತೆಯ ಆದೇಶ 39, ನಿಯಮ 3ರಂತೆ ಅರ್ಜಿ, ಅಫಿಡವಿಟ್, ವಾದಪತ್ರ, ದಾಖಲೆಗಳ ನಕಲು ಎದುರಿನವರಿಗೆ ಕೈಗೆ ಕೊಡಬೇಕು, ಇಲ್ಲವೇ ರಿಜಿಸ್ಟರ್ಡ್ ಅಂಚೆಯಲ್ಲಿ ಹೋಗಬೇಕು. ಕೊಟ್ಟಿದ್ದಕ್ಕೆ ಅಥವಾ ಕಳಿಸಿದ್ದಕ್ಕೆ ಅಫಿಡವಿಟ್ ಅಂದೇ ಅಥವಾ ಮರುದಿನ ಕೋರ್ಟಿಗೆ ಸೇರಬೇಕು. ಇದೊಂದು ತಪ್ಪಿದ್ದಕ್ಕೇ ಒಳ್ಳೊಳ್ಳೆಯ ಆದೇಶಗಳು ಬಿದ್ದಿವೆ.

ಹಾಸುಬಂಡೆಯ ಕೇಸಿನಲ್ಲಿ ಎರಡೂ ಕಡೆ ಕೇಳಿ ಆದೇಶವಾಯಿತು, ದಾರಿ ಬಿಟ್ಟುಕೊಟ್ಟರು. ಟ್ರಾಕ್ಟರು ಕಬ್ಬು ತುಂಬಿಕೊಂಡು ದಾಟುವಾಗ ರೈತರು ಕೇಳಿದರು: “ಇನ್ ಯಾವತ್ತೂ ತೊಂದ್ರೆ ಇಲ್ಲ ತಾನೆ ಸಾಮಿ?” ಇದು ದಾವೆ ಮುಗಿಯುವವರೆಗೆ ಮಾತ್ರ, ಹಕ್ಕು ಇನ್ನೂ ಸಾಬೀತಾಗಬೇಕು ಎಂದೆ. ಈ ದಾರಿಯಲ್ಲಿ ಗಾಡಿ ಹೊಡೆದ ಹಿರಿಯರು ಊರಲ್ಲಿ ಯಾರಿದ್ದಾರೆ, ಸಾಕ್ಷಿಗೆ ಬರುತ್ತಾರಾ ಎಂದು ಕೇಳಿ, ಅಲ್ಲೇ ನಿಂತು ಮೂವರ ಹೆಸರು ಬರೆದುಕೊಂಡೆ.