ಹಡಗಿನ ತೊಟ್ಟಿಲ ಕೊಕ್ಕೆ: ಮೆಟಾಸೆಂಟರ್ ಪದವನ್ನು ತಿಳಿದು ಬಳಸುವ ಬಗೆ

ತಂಗಿಯ ಮಗ ಇಂಜಿನಿಯರಿಂಗ್ ಓದುತ್ತಿದ್ದಾನೆ. ಹೋದ ವಾರ ರಾತ್ರಿ ಫೋನ್ ಮಾಡಿ, "ಮಾವ, ಮೆಟಾಸೆಂಟರ್ ಅಂದ್ರೆ ಏನು ಅಂತ ಪುಸ್ತಕದಲ್ಲಿ ಒಂದು ಸಾಲು ಉಂಟು. ಬಾಯಿಪಾಠ ಆಯ್ತು, ಅರ್ಥ ಆಗ್ಲಿಲ್ಲ" ಎಂದ. ಸರಕು ಹಡಗುಗಳಲ್ಲಿ ಇಪ್ಪತ್ತಾರು ವರ್ಷ ದುಡಿದವನು ನಾನು. ಕೊನೆಯ ಹನ್ನೊಂದು ವರ್ಷ ಚೀಫ್ ಆಫೀಸರ್, ಅಂದರೆ ಸರಕು ತುಂಬುವುದನ್ನು ನೋಡಿಕೊಳ್ಳುವ, ಕ್ಯಾಪ್ಟನ್ ನಂತರದ ಅಧಿಕಾರಿ ಆಗಿದ್ದೆ. ಸರಕು ತುಂಬುವ ಪ್ರತಿ ಬಂದರಿನಲ್ಲೂ ಈ ಪದದ ಲೆಕ್ಕ ನನ್ನ ಮೇಜಿನ ಮೇಲಿರುತ್ತಿತ್ತು. ಅವನಿಗೆ ಫೋನಿನಲ್ಲಿ ಒಂದು ಗಂಟೆ ಹೇಳಿದ್ದನ್ನೇ ಇಲ್ಲಿ ಬರೆಯುತ್ತಿದ್ದೇನೆ. ಓದುವ ಮಕ್ಕಳಿಗೂ ಬೋಟು ಇಟ್ಟುಕೊಂಡವರಿಗೂ ಉಪಯೋಗಕ್ಕೆ ಬರಲಿ.

ನಾನು ಕೆಡೆಟ್ ಆಗಿ ಸೇರಿದ ಮೊದಲ ತಿಂಗಳು, ನಮ್ಮ ಚೀಫ್ ಆಫೀಸರ್ ಡೆಕ್ಕಿನ ಮೇಲೆ ನಿಲ್ಲಿಸಿ ಕೇಳಿದ್ದರು: "ಈ ಹಡಗಿನ ಮೆಟಾಸೆಂಟರ್ ಎಲ್ಲಿದೆ? ಕೈ ಮಾಡಿ ತೋರಿಸು." ನಾನು ಕೆಳಗೆ, ಇಂಜಿನ್ ರೂಮಿನ ಕಡೆಗೆ ತೋರಿಸಿದೆ. ಅವರು ನನ್ನ ಕೈ ಹಿಡಿದು ಮೇಲಕ್ಕೆತ್ತಿ, ಎದುರಿದ್ದ ಹ್ಯಾಚಿಗಿಂತ (ಸರಕು ಕೋಣೆಯ ಬಾಯಿಗಿಂತ) ಎತ್ತರದಲ್ಲಿ, ಬರೀ ಗಾಳಿಯಲ್ಲಿ ನಿಲ್ಲಿಸಿದರು. "ಇಲ್ಲಿ. ಮುಟ್ಟಲು ಏನೂ ಸಿಗುವುದಿಲ್ಲ. ಆದರೆ ಹಡಗು ನೇತಾಡುವುದು ಇಲ್ಲಿಂದ." ನನಗೆ ತಟ್ಟನೆ ನೆನಪಾದದ್ದು ನಮ್ಮ ಮನೆಯ ತೊಟ್ಟಿಲು. ಜಂತಿಯ ಕೊಕ್ಕೆಗೆ ಹಗ್ಗ, ಹಗ್ಗಕ್ಕೆ ತೊಟ್ಟಿಲು. ಕೊಕ್ಕೆ ಮೇಲಿರುವ ತನಕ ತೊಟ್ಟಿಲು ಎತ್ತ ತೂಗಿದರೂ ನಡುವಿಗೇ ಮರಳುತ್ತದೆ. ಮೆಟಾಸೆಂಟರ್ ಎಂದರೆ ಹಡಗಿನ ತೊಟ್ಟಿಲ ಕೊಕ್ಕೆ, ಕಣ್ಣಿಗೆ ಕಾಣದ ಕೊಕ್ಕೆ.

ಇನ್ನು ಸರಿಯಾದ ಅರ್ಥಕ್ಕೆ ಬನ್ನಿ. ಒಂದು ಹಾಳೆಯಲ್ಲಿ ಹಡಗಿನ ಅಡ್ಡಸೀಳು ಬರೆದುಕೊಳ್ಳಿ. ಹಡಗಿನ ಒಟ್ಟು ತೂಕ ಎಳೆಯುವ ಬಿಂದು ಗುರುತ್ವ ಕೇಂದ್ರ. ಅದಕ್ಕೆ 'ಜಿ' ಎನ್ನಿ. ನೀರಿನಲ್ಲಿ ಮುಳುಗಿರುವ ಭಾಗದ ನಡುಬಿಂದು 'ಬಿ'. ನೀರು ಮೇಲಕ್ಕೆ ತಳ್ಳುವುದು ಅಲ್ಲಿಂದ. ಹಡಗು ನೆಟ್ಟಗಿರುವಾಗ ಎರಡೂ ಒಂದೇ ಗೆರೆಯಲ್ಲಿ ಇರುತ್ತವೆ. ಹಡಗನ್ನು ಸ್ವಲ್ಪ ಬಲಕ್ಕೆ ವಾಲಿಸಿ. ಸರಕು ಜಾರದಿದ್ದರೆ ಜಿ ಇದ್ದಲ್ಲೇ ಇರುತ್ತದೆ. ಆದರೆ ಬಲಗಡೆ ಹೆಚ್ಚು ಭಾಗ ಮುಳುಗಿತಲ್ಲ, ಹಾಗಾಗಿ ಬಿ ಬಲಕ್ಕೆ ಸರಿಯುತ್ತದೆ. ಸರಿದ ಬಿ ಇಂದ ನೇರ ಮೇಲಕ್ಕೆ ಒಂದು ಗೆರೆ ಎಳೆಯಿರಿ. ಅದು ಹಡಗಿನ ನಡುಗೆರೆಯನ್ನು ಕತ್ತರಿಸುವ ಬಿಂದುವೇ 'ಎಂ', ಮೆಟಾಸೆಂಟರ್. ಎಂ ಜಿಗಿಂತ ಮೇಲಿದ್ದರೆ ನೀರಿನ ತಳ್ಳುವಿಕೆ ಹಡಗನ್ನು ನೆಟ್ಟಗೆ ಮಾಡುತ್ತದೆ. ಕೆಳಗಿದ್ದರೆ ಅದೇ ತಳ್ಳುವಿಕೆ ಇನ್ನಷ್ಟು ವಾಲಿಸುತ್ತದೆ.

ಈ ಪದವನ್ನು ಕೊಟ್ಟವರು ಫ್ರಾನ್ಸಿನ ಪಿಯರ್ ಬುಗೇರ್. ಭೂಮಿಯ ಆಕಾರ ಅಳೆಯುವ ತಂಡದ ಜೊತೆ ದಕ್ಷಿಣ ಅಮೆರಿಕದ ಬೆಟ್ಟಗಳಿಗೆ ಹೋಗಿದ್ದವರು, 1746ರಲ್ಲಿ ಹಡಗಿನ ಬಗ್ಗೆ ಪುಸ್ತಕ ಪ್ರಕಟಿಸಿ, ಗುರುತ್ವ ಕೇಂದ್ರ ಎಷ್ಟು ಮೇಲೇರಬಹುದು ಎಂಬ ಗಡಿಗೆ ಈ ಹೆಸರಿಟ್ಟರು. ಪದ ಹುಟ್ಟುವ ಮೊದಲು ಜನ ಏನು ಮಾಡುತ್ತಿದ್ದರು ಎಂಬುದಕ್ಕೆ ಸ್ವೀಡನ್ನಿನ ವಾಸಾ ಹಡಗು ಸಾಕ್ಷಿ. ಹೊರಡುವ ಮೊದಲು 30 ಜನರನ್ನು ಡೆಕ್ಕಿನ ಮೇಲೆ ಈ ಬದಿಯಿಂದ ಆ ಬದಿಗೆ ಓಡಿಸಿ ನೋಡಿದರು. ಮೂರು ಸಲ ಓಡುವಷ್ಟರಲ್ಲಿ ಹಡಗು ಮಗುಚುವ ಹಾಗಾಗಿ ಪರೀಕ್ಷೆ ನಿಲ್ಲಿಸಿದರು. ಹಾಗಿದ್ದೂ ಹೊರಟಿತು. 1628ರ ಆಗಸ್ಟ್ 10ರಂದು ಸ್ಟಾಕ್‌ಹೋಮ್ ಬಂದರಿನಲ್ಲೇ, ಒಂದೂವರೆ ಕಿಲೋಮೀಟರ್ ಕೂಡ ಸಾಗದೆ, ಗಾಳಿಗೆ ವಾಲಿ, ತೆರೆದಿದ್ದ ಫಿರಂಗಿ ಕಿಂಡಿಗಳಿಂದ ನೀರು ನುಗ್ಗಿ ಮುಳುಗಿತು. ಓಡಿಸಿ ನೋಡಿದ್ದು ಒಳ್ಳೆಯ ಪರೀಕ್ಷೆಯೇ. ಆ ಓಲಾಟವನ್ನು ಅಳೆಯುವ ಸಂಖ್ಯೆ ಅವರ ಬಳಿ ಇರಲಿಲ್ಲ.

ಆ ಸಂಖ್ಯೆಯೇ ಜಿಎಂ. ಇಲ್ಲಿ ಹೆಚ್ಚಿನವರು ಎಡವುತ್ತಾರೆ. ಮೆಟಾಸೆಂಟರ್ ಒಂದು ಬಿಂದು; ಜಿಎಂ ಒಂದು ದೂರ, ಜಿ ಇಂದ ಎಂ ತನಕದ ಎತ್ತರ, ಮೀಟರಿನಲ್ಲಿ. "ಈ ಹಡಗಿನ ಮೆಟಾಸೆಂಟರ್ ಅರ್ಧ ಮೀಟರ್" ಎಂದರೆ ತಪ್ಪು. "ಈ ಹಡಗಿನ ಜಿಎಂ ಅರ್ಧ ಮೀಟರ್" ಅಥವಾ "ಮೆಟಾಸೆಂಟರ್ ಎತ್ತರ ಅರ್ಧ ಮೀಟರ್" ಎನ್ನಿ. ಹಾಗೆಯೇ "ಡೆಕ್ಕಿನ ಮೇಲೆ ಲೋಡ್ ಹಾಕಿದ್ದರಿಂದ ಮೆಟಾಸೆಂಟರ್ ಕೆಳಗೆ ಬಂತು" ಎಂದು ಬರೆದ ವರದಿಗಳನ್ನು ಓದಿದ್ದೇನೆ. ಮೇಲೆ ಭಾರ ಹಾಕಿದಾಗ ಮುಖ್ಯವಾಗಿ ನಡೆಯುವುದು ಜಿ ಮೇಲೇರುವುದು. ಎಂ ಎಲ್ಲಿರುತ್ತದೆ ಎಂಬುದನ್ನು ತೀರ್ಮಾನಿಸುವುದು ಹಡಗಿನ ಒಡಲಿನ ಆಕಾರ ಮತ್ತು ಅದು ಎಷ್ಟು ಆಳ ಮುಳುಗಿದೆ ಎಂಬುದು. ಇನ್ನೊಂದು ಎಚ್ಚರಿಕೆ: ತಳದಿಂದ ಜಿ ತನಕದ ಎತ್ತರವನ್ನು ಕೆ-ಜಿ ಎನ್ನುತ್ತೇವೆ. ಕನ್ನಡದಲ್ಲಿ ಬರೆಯುವಾಗ ನಡುವೆ ಗೆರೆ ಹಾಕಿ, ಇಲ್ಲದಿದ್ದರೆ ಓದುವವರು ಕಿಲೋಗ್ರಾಂ ಎಂದುಕೊಳ್ಳುತ್ತಾರೆ.

ತೇಲುವ ವಸ್ತುವಿಗಷ್ಟೇ ಈ ಪದ ಸಲ್ಲುತ್ತದೆ. ಘಾಟಿಯಲ್ಲಿ ಲಾರಿ ಮಗುಚಿದರೆ ಗುರುತ್ವ ಕೇಂದ್ರದ ಮಾತಾಡಿ, ಮೆಟಾಸೆಂಟರ್ ಬೇಡ.

ಲೆಕ್ಕ ಒಂದಿಷ್ಟು ಮಾಡಲೇಬೇಕು. ಪೆಟ್ಟಿಗೆಯಾಕಾರದ ಒಡಲಿಗೆ ಸುಲಭ ಸೂತ್ರವಿದೆ. ಬಿ ಇಂದ ಎಂ ತನಕದ ಎತ್ತರ ಬೇಕಾದರೆ ಅಗಲವನ್ನು ಅಗಲದಿಂದಲೇ ಗುಣಿಸಿ, ಮುಳುಗಿದ ಆಳದ 12 ಪಟ್ಟಿನಿಂದ ಭಾಗಿಸಿ. ಬಿ ಇರುವುದು ಮುಳುಗಿದ ಆಳದ ಅರ್ಧದಲ್ಲಿ. ಈ ಎರಡನ್ನೂ ಕೂಡಿಸಿದರೆ ತಳದಿಂದ ಎಂ ಎಷ್ಟು ಎತ್ತರದಲ್ಲಿದೆ ಎಂದು ಸಿಗುತ್ತದೆ. ಅದರಿಂದ ಕೆ-ಜಿ ಕಳೆದರೆ ಜಿಎಂ. ಅಗಲ ಎರಡು ಪಟ್ಟಾದರೆ, ಆಳ ಅಷ್ಟೇ ಇದ್ದಾಗ, ಬಿ ಇಂದ ಎಂ ನಾಲ್ಕು ಪಟ್ಟು ಎತ್ತರಕ್ಕೆ ಹೋಗುತ್ತದೆ. ಅಗಲವಾದ ದೋಣಿ ಗಟ್ಟಿಯಾಗಿ ನಿಲ್ಲುವ ಗುಟ್ಟು ಇದೇ.

ಒಂದು ಚೌಕ ಮರದ ತುಂಡನ್ನು ಈ ಸೂತ್ರಕ್ಕೆ ಹಾಕಿ ನೋಡಿ. ಬದಿ 12 ಸೆಂಟಿಮೀಟರ್, ಅರ್ಧ ಮುಳುಗುವಷ್ಟು ಹಗುರ ಮರ, ಉದ್ದ ಬೇಕಾದಷ್ಟು. ಮುಳುಗಿದ ಆಳ 6, ಹಾಗಾಗಿ ಬಿ 3 ಸೆಂಟಿಮೀಟರ್ ಎತ್ತರದಲ್ಲಿ. 144 ಭಾಗಿಸು 72, ಅಂದರೆ 2. ಎಂ 5 ಸೆಂಟಿಮೀಟರಿನಲ್ಲಿ. ಆದರೆ ಜಿ ಮರದ ನಟ್ಟನಡುವೆ, 6ರಲ್ಲಿ! ಜಿಎಂ ಮೈನಸ್ 1. ಆ ತುಂಡು ಚಪ್ಪಟೆ ಮುಖ ಮೇಲೆ ಮಾಡಿ ತೇಲುವುದೇ ಇಲ್ಲ. ಹೊರಳಿ, ಮೂಲೆ ಮೇಲೆ ಮಾಡಿಕೊಂಡು ನಿಲ್ಲುತ್ತದೆ. ಸೋದರಳಿಯ ನಂಬಲಿಲ್ಲ. ಬಾವಿಕಟ್ಟೆಯ ತೊಟ್ಟಿಯಲ್ಲಿ ತಾನೇ ಬಿಟ್ಟು ನೋಡಿ, ಹತ್ತು ನಿಮಿಷದಲ್ಲಿ ಮತ್ತೆ ಫೋನ್ ಮಾಡಿದ.

ಜಿಎಂ ಅಳೆಯುವುದನ್ನು ಮನೆಯಲ್ಲೇ ಕಲಿಯಬಹುದು. ಹಡಗು ಕಟ್ಟುವಲ್ಲಿ ಮಾಡುವ ವಾಲಿಕೆ ಪರೀಕ್ಷೆಯ ಚಿಕ್ಕ ರೂಪ ಇದು. ನೆಟ್ಟಗಿನ ಗೋಡೆಗಳ ಪ್ಲಾಸ್ಟಿಕ್ ಡಬ್ಬ ಬೇಕು, ಸುಮಾರು 30 ಸೆಂಟಿಮೀಟರ್ ಉದ್ದ, 20 ಅಗಲ. ಮರಳು ಹಾಕಿ ಡಬ್ಬ ಸಮೇತ ಒಟ್ಟು 3 ಕಿಲೋ ಆಗುವಂತೆ ತೂಗಿ, ಮೇಲೆ ಅಲ್ಲಾಡದ ಹಾಗೆ ತಟ್ಟಿ ಸಮ ಮಾಡಿ. ನಡುವೆ ಒಂದು ತೆಳ್ಳನೆಯ ಕೋಲು ನಿಲ್ಲಿಸಿ, ಅದರ ತುದಿಯಿಂದ 30 ಸೆಂಟಿಮೀಟರ್ ದಾರಕ್ಕೆ ಒಂದು ನಟ್ ಕಟ್ಟಿ ಇಳಿಬಿಡಿ. ಟಬ್ಬಿನಲ್ಲಿ ತೇಲಿಸಿದಾಗ 5 ಸೆಂಟಿಮೀಟರ್ ಮುಳುಗುತ್ತದೆ. ಈಗ ನಡುವಿನಲ್ಲಿಟ್ಟ 100 ಗ್ರಾಂ ಬಟ್ಟನ್ನು ಅಡ್ಡಕ್ಕೆ 10 ಸೆಂಟಿಮೀಟರ್ ಸರಿಸಿ ಅಂಚಿಗೆ ತನ್ನಿ. ಆ ಬಟ್ಟು ಒಟ್ಟು 3 ಕಿಲೋದಲ್ಲಿ ಸೇರಿರಲಿ. ಡಬ್ಬ ವಾಲುತ್ತದೆ, ದಾರ ಮೊದಲಿನ ಗುರುತಿನಿಂದ ಸರಿಯುತ್ತದೆ. ಸರಿದದ್ದು 2 ಸೆಂಟಿಮೀಟರ್ ಎಂದಿಟ್ಟುಕೊಳ್ಳಿ. ಬಟ್ಟಿನ ತೂಕ, ಅದು ಸರಿದ ದೂರ, ದಾರದ ಉದ್ದ ಈ ಮೂರನ್ನು ಗುಣಿಸಿ: 0.1 × 10 × 30 = 30. ಒಟ್ಟು ತೂಕವನ್ನು ದಾರ ಸರಿದ ದೂರದಿಂದ ಗುಣಿಸಿ: 3 × 2 = 6. ಮೊದಲನೆಯದನ್ನು ಎರಡನೆಯದರಿಂದ ಭಾಗಿಸಿ. ಜಿಎಂ 5 ಸೆಂಟಿಮೀಟರ್. ವಾಲಿಕೆ ಏಳೆಂಟು ಡಿಗ್ರಿ ದಾಟದಂತೆ ನೋಡಿಕೊಳ್ಳಿ. ಹೆಚ್ಚು ವಾಲಿದರೆ ಎಂ ಇದ್ದಲ್ಲಿ ಇರುವುದಿಲ್ಲ, ಈ ಲೆಕ್ಕ ಕೈಕೊಡುತ್ತದೆ.

ಮುಂದಿನದನ್ನು ಮಾಡದೆ ಬಿಡಬೇಡಿ. ಮರಳು, ಕೋಲು ತೆಗೆದು, ಡಬ್ಬ ಸಮೇತ ಅಷ್ಟೇ ತೂಕ ಬರುವಂತೆ ನೀರು ಸುರಿಯಿರಿ. ಡಬ್ಬ ಅಷ್ಟೇ ಮುಳುಗುತ್ತದೆ, ಭಾರವೂ ಕೆಳಗೇ ಇದೆ, ಆದರೂ ನೆಟ್ಟಗೆ ನಿಲ್ಲಲು ಒಪ್ಪುವುದಿಲ್ಲ. ವಾಲಿದ ಕಡೆಗೆ ಒಳಗಿನ ನೀರೂ ಓಡುತ್ತದೆ. ಹೊರಗಿನ ನೀರು ಎತ್ತಿ ಕೊಟ್ಟದ್ದನ್ನು ಒಳಗಿನ ನೀರು ಹೆಚ್ಚುಕಡಿಮೆ ಪೂರ್ತಿಯಾಗಿ ಕಿತ್ತುಕೊಳ್ಳುತ್ತದೆ. ಇದಕ್ಕೆ ಹಡಗಿನಲ್ಲಿ ಫ್ರೀ ಸರ್ಫೇಸ್ ಎನ್ನುತ್ತಾರೆ. ಉದ್ದಕ್ಕೆ ನಡುವೆ ಒಂದು ತಡೆ ಹಾಕಿದರೆ ಈ ನಷ್ಟ ಕಾಲು ಭಾಗಕ್ಕೆ ಇಳಿಯುತ್ತದೆ. ಅದಕ್ಕೇ ಟ್ಯಾಂಕುಗಳಿಗೆ ನಡುಗೋಡೆ, ಅದಕ್ಕೇ "ಟ್ಯಾಂಕ್ ಪೂರ್ತಿ ತುಂಬು, ಇಲ್ಲವೇ ಪೂರ್ತಿ ಖಾಲಿ ಮಾಡು" ಎಂಬ ಪಾಠ. ಒದ್ದೆಯಾದ ಪುಡಿ ಅದಿರು ಕೂಡ ಹಡಗಿನ ನಡುಕಕ್ಕೆ ಕೆಸರಾಗಿ ಹೀಗೇ ಓಡಬಲ್ಲದು. 2009ರ ಜುಲೈ ಮಳೆಗಾಲದಲ್ಲಿ ಕಬ್ಬಿಣದ ಅದಿರಿನ ಪುಡಿ ಹೊತ್ತ ಏಷ್ಯನ್ ಫಾರೆಸ್ಟ್ ಹಡಗು ನಮ್ಮ ಮಂಗಳೂರಿನ ಹತ್ತಿರದ ಕಡಲಿನಲ್ಲೇ ವಾಲಿ ಮುಳುಗಿತು. ಸಿಬ್ಬಂದಿ ಬದುಕಿಕೊಂಡರು.

ಜಿಎಂ ಸ್ವಲ್ಪ ಮೈನಸ್ ಆದ ಹಡಗು ಕೂಡಲೇ ಮಗುಚದೆ ಒಂದು ಕಡೆಗೆ ವಾಲಿ ನಿಂತುಬಿಡುವುದೂ ಉಂಟು. ನಾನು ಥರ್ಡ್ ಆಫೀಸರ್ ಆಗಿದ್ದಾಗ ಒಂದು ಬಂದರಿನಲ್ಲಿ ಒಟ್ಟಿಗೇ ಹಲವು ಟ್ಯಾಂಕುಗಳಿಗೆ ನೀರು ಬಿಟ್ಟು ಎಲ್ಲವೂ ಅರೆಬರೆಯಾದವು. ಹಡಗು ಎಡಕ್ಕೆ ನಾಲ್ಕು ಡಿಗ್ರಿ ವಾಲಿತು. ಬಲಗಡೆಯ ಟ್ಯಾಂಕಿಗೆ ನೀರು ಹಾಕಲು ನಾನು ವಾಲ್ವ್ ಕಡೆ ಓಡಿದೆ. ಚೀಫ್ ಆಫೀಸರ್ ತಡೆದರು. ಮೇಲೆದ್ದ ಬದಿಗೆ ಭಾರ ಹಾಕಿದರೆ ಹಡಗು ನೆಟ್ಟಗಾಗಿ ನಿಲ್ಲುವುದಿಲ್ಲ. ಬಲಕ್ಕೆ ಎಸೆದ ಹಾಗೆ ಬಿದ್ದು ಮೊದಲಿಗಿಂತ ಹೆಚ್ಚು ವಾಲುತ್ತದೆ, ಮಗುಚಲೂಬಹುದು. ತಳದ ಟ್ಯಾಂಕುಗಳಲ್ಲಿ ಒಂದೊಂದನ್ನೇ, ತಗ್ಗಿದ ಬದಿಯಿಂದಲೇ ಶುರು ಮಾಡಿ ತುಂಬಬೇಕು. ಮೊದಲು ವಾಲಿಕೆ ಹೆಚ್ಚುತ್ತದೆ, ಎದೆ ಹೊಡೆದುಕೊಳ್ಳುತ್ತದೆ. ಜಿ ಕೆಳಗಿಳಿದ ಮೇಲೆ ಹಡಗು ತಾನಾಗಿ ಏಳುತ್ತದೆ. ಅವತ್ತು ಎದ್ದಿತು.

ಹಾಗಾದರೆ ಜಿಎಂ ಎಷ್ಟು ದೊಡ್ಡದಿದ್ದರೆ ಅಷ್ಟು ಒಳ್ಳೆಯದೇ? ಅಲ್ಲ. ತೊಟ್ಟಿಲ ಹೋಲಿಕೆ ಇಲ್ಲಿ ಸೋಲುತ್ತದೆ. ತೊಟ್ಟಿಲಿನ ಹಗ್ಗ ಉದ್ದವಾದಷ್ಟೂ ತೂಗಾಟ ನಿಧಾನ. ಹಡಗಿನಲ್ಲಿ ಜಿಎಂ ಉದ್ದವಾದಷ್ಟೂ ಓಲಾಟ ಬಿರುಸು. ಹಡಗು ಹೊರಳುವುದು ಹೆಚ್ಚುಕಡಿಮೆ ತನ್ನ ಜಿ ಸುತ್ತಲೇ, ಅದರ ಜಡತ್ವ ಜಿಎಂ ಜೊತೆ ಬೆಳೆಯುವುದಿಲ್ಲ; ನೆಟ್ಟಗೆ ಎಳೆಯುವ ಬಲ ಮಾತ್ರ ಬೆಳೆಯುತ್ತದೆ. 20 ಮೀಟರ್ ಅಗಲದ ಹಡಗಿಗೆ ಜಿಎಂ 1 ಮೀಟರ್ ಇದ್ದರೆ ಒಂದು ಪೂರ್ತಿ ಓಲಾಟಕ್ಕೆ ಸುಮಾರು 16 ಸೆಕೆಂಡ್. 4 ಮೀಟರ್ ಇದ್ದರೆ 8 ಸೆಕೆಂಡ್. ಅದಿರಿನಂಥ ಭಾರದ ಸರಕು ತಳದಲ್ಲೇ ಕೂತ ಹಡಗಿನಲ್ಲಿ ನಾನು ಮಂಚಕ್ಕೆ ಬೆಲ್ಟ್ ಕಟ್ಟಿಕೊಂಡು ಮಲಗಿದ್ದೇನೆ. ಸರಕು ಕಟ್ಟಿದ ಸರಪಳಿಗಳೂ ಅಂಥ ಹೊಡೆತಕ್ಕೆ ತುಂಡಾಗುತ್ತವೆ. ಇಂಥ ಹಡಗಿಗೆ ನಾವು 'ಸ್ಟಿಫ್' ಎನ್ನುತ್ತೇವೆ, ತೀರಾ ನಿಧಾನ ಓಲಾಡುವುದಕ್ಕೆ 'ಟೆಂಡರ್'. ಕನ್ನಡದಲ್ಲಿ ನಾನು ಬಿರುಸು ಹಡಗು, ಮೆದು ಹಡಗು ಎಂದು ಹೇಳಿಕೊಡುತ್ತೇನೆ. ಅಂತರರಾಷ್ಟ್ರೀಯ ನಿಯಮದಲ್ಲಿ ಸಾಮಾನ್ಯ ಸರಕು ಹಡಗಿಗೆ ಕನಿಷ್ಠ ಜಿಎಂ 0.15 ಮೀಟರ್, ಒಂದೇ ಡೆಕ್ಕಿನ ಮೀನುಗಾರಿಕೆ ಹಡಗಿಗೆ 0.35 ಮೀಟರ್. ಬಲೆ, ಮೀನು, ಐಸು ಎಲ್ಲ ಅಲ್ಲಿಂದಿಲ್ಲಿಗೆ ಓಡಾಡುವ ದೋಣಿಗೆ ಹೆಚ್ಚಿನ ಅಂತರ ಬೇಕೇ ಬೇಕು.

ಬೋಟಿನವರಿಗೆ ಈ ಪದದ ಬಳಕೆ ಒಂದು ಗಡಿಯಾರದಷ್ಟು ಸುಲಭ. ಗಾಳಿಯಿಲ್ಲದ ಬೆಳಿಗ್ಗೆ, ದಕ್ಕೆಯಲ್ಲಿ ಹಗ್ಗ ಸಡಿಲಬಿಟ್ಟು, ಪಕ್ಕದ ಬೋಟಿಗೆ ತಾಗದಷ್ಟು ಜಾಗ ಮಾಡಿಕೊಳ್ಳಿ. ಬೋಟನ್ನು ಎರಡು ಮೂರು ಸಲ ತಾಳ ಹಿಡಿದು ಓಲಾಡಿಸಿ ಬಿಡಿ, ಆಮೇಲೆ ಎಲ್ಲರೂ ನಡುವಿನಲ್ಲಿ ಅಲುಗದೆ ನಿಲ್ಲಿ. ಎಡದ ತುದಿಯಿಂದ ಹೊರಟು ಮತ್ತೆ ಎಡದ ತುದಿಗೆ ಬಂದರೆ ಒಂದು. ನಾಲ್ಕೈದು ಎಣಿಸಿ, ಸರಾಸರಿ ಸೆಕೆಂಡ್ ತೆಗೆಯಿರಿ. ಬೋಟಿನ ಅಗಲವನ್ನು 0.8ರಿಂದ ಗುಣಿಸಿ, ಆ ಸೆಕೆಂಡಿನಿಂದ ಭಾಗಿಸಿ, ಬಂದದ್ದನ್ನು ಅದರಿಂದಲೇ ಗುಣಿಸಿ. 6 ಮೀಟರ್ ಅಗಲದ ಬೋಟು 6 ಸೆಕೆಂಡಿಗೆ ಒಮ್ಮೆ ಓಲಾಡಿದರೆ ಜಿಎಂ ಸುಮಾರು 0.64 ಮೀಟರ್. ಅದೇ ಬೋಟು 8 ಸೆಕೆಂಡ್ ತೆಗೆದುಕೊಂಡರೆ 0.36, ನಿಯಮದ ಗಡಿಯಲ್ಲೇ ನಿಂತಿದೆ. 0.8 ಎಂಬುದು ಅಂದಾಜು, ಒಂದೊಂದು ಒಡಲಿಗೆ ಒಂದೊಂದು. ಹಾಗಾಗಿ ಈ ಸಂಖ್ಯೆಯೊಂದನ್ನೇ ನಂಬಿ ಸಮುದ್ರಕ್ಕೆ ಇಳಿಯಬೇಡಿ. ಆದರೆ ನಿಮ್ಮದೇ ಬೋಟಿನ ನಿನ್ನೆಯ ಸೆಕೆಂಡಿಗೂ ಇವತ್ತಿನ ಸೆಕೆಂಡಿಗೂ ಇರುವ ವ್ಯತ್ಯಾಸ ಸುಳ್ಳು ಹೇಳುವುದಿಲ್ಲ. ತುದಿಗೆ ಹೋದ ಬೋಟು ಅಲ್ಲೇ ಒಂದು ಗಳಿಗೆ ತಡೆದು, ಬೇಸರದಿಂದೆಂಬಂತೆ ವಾಪಸು ಬಂದರೆ, ಡೆಕ್ಕಿನ ಮೇಲಿನ ಭಾರವನ್ನು ಮೊದಲು ಕೆಳಗಿಳಿಸಿ.

ಒಂದು ನೋಟ್‌ಬುಕ್ ಇಟ್ಟು ದಿನಾಂಕ, ಸೆಕೆಂಡ್, ಐಸು ಎಷ್ಟು, ಬಲೆ ಎಲ್ಲಿತ್ತು ಎಂದು ಬರೆಯುತ್ತಾ ಬನ್ನಿ. ಡೀಸೆಲ್ ಟ್ಯಾಂಕ್ ಅರ್ಧವಿತ್ತೋ ತುಂಬಿತ್ತೋ ಎಂಬುದನ್ನೂ ಬರೆಯಿರಿ.