ಹೊಸ ಗೇಮಿಂಗ್ ಅಕೌಂಟ್‌ಗೆ ಹೋಗ್ತೀರಾ? ಹಳೇದರಲ್ಲಿ ಕೊಂಡ ಗೇಮ್‌ಗಳ ಗತಿ ಏನು ಅಂತ ಮೊದಲು ನೋಡಿ

ಕೆಟ್ಟ ಸುದ್ದಿ ಮೊದಲೇ ಹೇಳಿಬಿಡುತ್ತೇನೆ. ಒಂದು ಅಕೌಂಟ್‌ನಲ್ಲಿ ಕೊಂಡ ಡಿಜಿಟಲ್ ಗೇಮ್ ಇನ್ನೊಂದು ಅಕೌಂಟ್‌ಗೆ ಹೋಗಲ್ಲ. ಪಿಸಿ ಗೇಮ್ ಮಾರೋ ಸ್ಟೀಮ್, ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್, ನಿಂಟೆಂಡೊ, ಗೂಗಲ್ ಪ್ಲೇ, ಎಲ್ಲ ಕಡೆ ಇದೇ ಕತೆ. ಎರಡೂ ಅಕೌಂಟ್ ನಂದೇ ಸ್ವಾಮಿ ಅಂತ ರಸೀದಿ ಸಮೇತ ಸಪೋರ್ಟ್‌ನವರಿಗೆ ಬರೆದರೂ ಬರೋ ಉತ್ತರ ಅದೇ. ಯಾಕೆಂದರೆ ನೀವು ದುಡ್ಡು ಕೊಟ್ಟಿದ್ದು ಗೇಮ್‌ಗಲ್ಲ, ಅದನ್ನು ಆಡೋ ಲೈಸೆನ್ಸ್‌ಗೆ, ಆ ಲೈಸೆನ್ಸ್ ಇರೋದು ಕೊಂಡ ಅಕೌಂಟ್‌ನ ಹೆಸರಲ್ಲಿ. ಇದನ್ನು ಗಿರಾಕಿಗೆ ಸ್ಪಷ್ಟವಾಗಿ ಹೇಳಲೇಬೇಕು ಅಂತ ಕ್ಯಾಲಿಫೋರ್ನಿಯಾದಲ್ಲಿ ಒಂದು ಕಾನೂನೇ ಬಂತು, 2025ರ ಜನವರಿ 1ರಿಂದ ಜಾರಿಯಲ್ಲಿದೆ. ಅದಕ್ಕೂ ಸ್ವಲ್ಪ ಮುಂಚೆಯೇ ಸ್ಟೀಮ್ ತನ್ನ ಕಾರ್ಟ್ ಪುಟದಲ್ಲಿ, ನೀವು ಕೊಳ್ಳುತ್ತಿರುವುದು ಲೈಸೆನ್ಸ್ ಅಂತ ಒಂದು ಸಾಲು ಹಾಕಲು ಶುರು ಮಾಡಿತು. ಹಾಗಂತ ಅದನ್ನು ಯಾರು ಓದುತ್ತಾರೆ, ಅಲ್ವಾ.

ಹಾಗಾಗಿ ಗೇಮ್‌ಗಳನ್ನು ಸಾಗಿಸೋದು ಹೇಗೆ ಅನ್ನೋ ಪ್ರಶ್ನೆ ಬಿಡಿ. ಹೊಸ ಅಕೌಂಟ್ ನಿಜಕ್ಕೂ ಬೇಕಾ ಅಂತ ಕೇಳಿಕೊಳ್ಳಿ. ಎಷ್ಟೋ ಜನಕ್ಕೆ ಬೇಕಾಗಿರಲ್ಲ.

ಹೆಸರು, ಇಮೇಲ್, ದೇಶ

ಹೈಸ್ಕೂಲ್‌ನಲ್ಲಿದ್ದಾಗ ಇಟ್ಟ ಹೆಸರು ಈಗ ನಾಚಿಕೆ ತರಿಸುತ್ತಿದ್ದರೆ ಹೆಸರು ಬದಲಾಯಿಸಿ, ಅಕೌಂಟ್ ಅಲ್ಲ. ಸ್ಟೀಮ್‌ನಲ್ಲಿ ಪ್ರೊಫೈಲ್ ಹೆಸರನ್ನು ಬೇಕಾದಾಗ ಬದಲಾಯಿಸಬಹುದು. ಲಾಗಿನ್ ಹೆಸರು ಮಾತ್ರ ಶಾಶ್ವತ, ಆದರೆ ಅದು ನಿಮ್ಮನ್ನು ಬಿಟ್ಟು ಯಾರಿಗೂ ಕಾಣಲ್ಲ. ಪ್ಲೇಸ್ಟೇಷನ್‌ನಲ್ಲಿ 2019ರಿಂದ ಆನ್‌ಲೈನ್ ಐಡಿ ಬದಲಾಯಿಸಲು ಬಿಟ್ಟಿದ್ದಾರೆ, ಮೊದಲ ಸಲ ಪುಕ್ಕಟೆ. ಕೆಲವು ಹಳೇ ಪಿಎಸ್4 (ಪ್ಲೇಸ್ಟೇಷನ್ 4) ಗೇಮ್‌ಗಳು ಹೆಸರು ಬದಲಾದರೆ ಎಡವಟ್ಟು ಮಾಡುತ್ತವೆ, ಹಾಗಾದರೆ ಹಳೇ ಹೆಸರಿಗೇ ವಾಪಸ್ ಹೋಗಬಹುದು.

ಇಮೇಲ್ ಹಳೇದು ಅನ್ನೋದು ಇನ್ನೊಂದು ಕಾರಣ. ಕಾಲೇಜಿನ ಅಥವಾ ಆಫೀಸಿನ ಮೇಲ್‌ನಲ್ಲಿ ಅಕೌಂಟ್ ತೆಗೆದವರು ಇಮೇಲನ್ನು ಈವತ್ತೇ ಬದಲಾಯಿಸಿ, ಯಾಕೆಂದರೆ ಬದಲಾಯಿಸುವಾಗ ಕೋಡ್ ಬರೋದು ಹಳೇ ಮೇಲ್‌ಗೆ, ಆ ಡಬ್ಬಿಯೇ ಮುಚ್ಚಿಹೋದ ಮೇಲೆ ಸಪೋರ್ಟ್‌ನವರ ಕಾಲು ಹಿಡಿಯಬೇಕಾಗುತ್ತದೆ. ಮೈಕ್ರೋಸಾಫ್ಟ್ ಅಕೌಂಟ್ ಆದರೆ ಹೊಸ ಇಮೇಲನ್ನು ಏಲಿಯಾಸ್ ಆಗಿ, ಅಂದರೆ ಅದೇ ಅಕೌಂಟ್‌ನ ಇನ್ನೊಂದು ವಿಳಾಸವಾಗಿ ಸೇರಿಸಿ, ಅದನ್ನೇ ಪ್ರೈಮರಿ ಮಾಡಿ, ಆಮೇಲೆ ಹಳೇದನ್ನು ತೆಗೆದರಾಯಿತು. ಗೇಮ್, ಸೇವ್ (ಎಲ್ಲಿವರೆಗೆ ಆಡಿದ್ದೀರಿ ಅನ್ನೋ ದಾಖಲೆ), ಅಚೀವ್‌ಮೆಂಟ್ ಒಂದೂ ಅಲ್ಲಾಡಲ್ಲ.

ದೇಶ ಬದಲಾದಾಗ ವಿಷಯ ಸ್ವಲ್ಪ ಗಂಭೀರ. ಸ್ಟೀಮ್‌ನಲ್ಲಿ ಹೊಸ ದೇಶದ ಕಾರ್ಡ್‌ನಿಂದಲೋ ಬೇರೆ ಪಾವತಿ ವಿಧಾನದಿಂದಲೋ ಒಂದು ಖರೀದಿ ಮಾಡಿದರೆ ಸ್ಟೋರ್ ದೇಶ ಬದಲಾಗುತ್ತದೆ, ಆದರೆ ಮೂರು ತಿಂಗಳಿಗೆ ಒಂದೇ ಸಲ. ಎಕ್ಸ್‌ಬಾಕ್ಸ್‌ನಲ್ಲೂ ಮೂರು ತಿಂಗಳ ನಿಯಮವಿದೆ, ಜೊತೆಗೆ ಅಕೌಂಟ್‌ನಲ್ಲಿರುವ ಹಣ ಹೊಸ ದೇಶಕ್ಕೆ ಬರಲ್ಲ, ಮೊದಲೇ ಖರ್ಚು ಮಾಡಿ ಮುಗಿಸಿ. ನಿಂಟೆಂಡೊ ಕೂಡ ದೇಶ ಬದಲಾಯಿಸಲು ಬಿಡುತ್ತದೆ, ಬ್ಯಾಲೆನ್ಸ್ ಉಳಿದಿದ್ದರೆ ಅಡ್ಡ ಬರುತ್ತದೆ. ಬಗ್ಗದೇ ಇರೋದು ಪ್ಲೇಸ್ಟೇಷನ್. ಅಲ್ಲಿ ಅಕೌಂಟ್ ತೆಗೆಯುವಾಗ ಯಾವ ದೇಶ ಆರಿಸಿದ್ರೋ ಅದೇ ಕೊನೆತನಕ. ಹೊಸ ದೇಶದ ಸ್ಟೋರ್ ಬೇಕಾದರೆ ಹೊಸ ಅಕೌಂಟ್ ಮಾಡಲೇಬೇಕು. ಹಾಗೆ ಮಾಡಿದರೆ ಒಂದು ಮಾತು ನೆನಪಿರಲಿ: ಒಂದು ರೀಜನ್‌ನ ಗೇಮ್‌ಗೆ ಇನ್ನೊಂದು ರೀಜನ್‌ನ ಸ್ಟೋರ್‌ನಿಂದ ಕೊಂಡ ಡಿಎಲ್‌ಸಿ (ಗೇಮ್‌ಗೆ ಆಮೇಲೆ ಸೇರಿಸೋ ಹೆಚ್ಚುವರಿ ಭಾಗ) ಸಾಮಾನ್ಯವಾಗಿ ಹೊಂದಲ್ಲ. ಡಿಸ್ಕ್‌ನಲ್ಲಿ ಆಡೋರಿಗೂ ಇದು ಅನ್ವಯಿಸುತ್ತದೆ.

ಹೊಸ ಅಕೌಂಟ್ ಬೇಕೇ ಬೇಕು ಅಂದರೆ

ಹಳೇದನ್ನು ಡಿಲೀಟ್ ಮಾಡಬೇಡಿ. ಅದನ್ನು ಗೇಮ್‌ಗಳ ಗೋಡೌನ್ ಥರ ಜೀವಂತ ಇಟ್ಟುಕೊಂಡು, ಆಡೋದನ್ನು ಹೊಸದರಲ್ಲಿ ಆಡಿ. ಇದಕ್ಕೆ ಎಲ್ಲ ಕಂಪನಿಗಳೂ ಒಂದಲ್ಲ ಒಂದು ದಾರಿ ಇಟ್ಟಿವೆ, ಮನೆಯವರ ಜೊತೆ ಹಂಚಿಕೊಳ್ಳಲಿ ಅಂತ.

ಉದಾಹರಣೆಗೆ ಪಿಎಸ್5 ನೋಡಿ. ಕನ್ಸೋಲ್‌ನಲ್ಲಿ ಹಳೇ ಅಕೌಂಟ್‌ನಿಂದ ಲಾಗಿನ್ ಆಗಿ. ಸೆಟ್ಟಿಂಗ್ಸ್, ಅದರಲ್ಲಿ ಯೂಸರ್ಸ್ ಅಂಡ್ ಅಕೌಂಟ್ಸ್, ಅದರೊಳಗೆ ಅದರ್, ಅಲ್ಲಿ ಕನ್ಸೋಲ್ ಶೇರಿಂಗ್ ಅಂಡ್ ಆಫ್‌ಲೈನ್ ಪ್ಲೇ ಅಂತ ಸಿಗುತ್ತದೆ. ಅದನ್ನು ಎನೇಬಲ್ ಮಾಡಿ. ಈಗ ಅದೇ ಕನ್ಸೋಲ್‌ಗೆ ಹೊಸ ಅಕೌಂಟ್ ಸೇರಿಸಿ ಅದರಿಂದ ಗೇಮ್ ತೆರೆಯಿರಿ. ಬೀಗದ ಗುರುತು ಬರದೆ ತೆರೆದುಕೊಂಡರೆ ಕೆಲಸ ಆಯ್ತು. ಇನ್ನು ಮುಂದೆ ಟ್ರೋಫಿ, ಸೇವ್ ಎಲ್ಲ ಹೊಸ ಅಕೌಂಟ್‌ಗೇ ಸೇರುತ್ತವೆ. ಪ್ಲೇಸ್ಟೇಷನ್ ಪ್ಲಸ್ ಅನ್ನೋ ಚಂದಾ ಹಳೇದರಲ್ಲಿದ್ದರೆ ಆನ್‌ಲೈನ್ ಆಟವೂ ನಡೆಯುತ್ತದೆ. ಒಂದು ಅಕೌಂಟ್‌ಗೆ ಹೀಗೆ ಒಂದು ಪಿಎಸ್5, ಒಂದು ಪಿಎಸ್4 ಮಾತ್ರ. ಪ್ಲಸ್‌ನಲ್ಲಿ ತಿಂಗಳು ತಿಂಗಳು ಸಿಕ್ಕ ಗೇಮ್‌ಗಳು ಮಾತ್ರ ಹಳೇ ಅಕೌಂಟ್‌ನ ಚಂದಾ ನಿಲ್ಲಿಸಿದ ದಿನ ಬೀಗ ಹಾಕಿಕೊಳ್ಳುತ್ತವೆ, ಅವನ್ನು ಕೊಂಡ ಗೇಮ್‌ಗಳ ಲೆಕ್ಕಕ್ಕೆ ಸೇರಿಸಬೇಡಿ.

ಎಕ್ಸ್‌ಬಾಕ್ಸ್‌ನಲ್ಲಿ ಇದೇ ಕೆಲಸಕ್ಕೆ ಹೋಮ್ ಎಕ್ಸ್‌ಬಾಕ್ಸ್ ಅಂತಾರೆ. ಹಳೇ ಅಕೌಂಟ್‌ನಿಂದ ಆ ಕನ್ಸೋಲನ್ನು ಹೋಮ್ ಮಾಡಿದರೆ ಅದರಲ್ಲಿ ಯಾರು ಬೇಕಾದರೂ ಆಡಬಹುದು. ವರ್ಷಕ್ಕೆ ಐದು ಸಲ ಮಾತ್ರ ಬದಲಾವಣೆ, ಸುಮ್ನೆ ಪ್ರಯೋಗ ಮಾಡಿ ಖಾಲಿ ಮಾಡಿಕೊಳ್ಳಬೇಡಿ. ನಿಂಟೆಂಡೊ ಸ್ವಿಚ್‌ನಲ್ಲಿ 2025ರಿಂದ ವರ್ಚುವಲ್ ಗೇಮ್ ಕಾರ್ಡ್ ಅನ್ನೋದು ಬಂದಿದೆ. ಕಾರ್ಡ್ ಯಾವ ಕನ್ಸೋಲ್‌ನಲ್ಲಿ ಲೋಡ್ ಆಗಿದೆಯೋ ಅಲ್ಲಿ ಯಾವ ಯೂಸರ್ ಬೇಕಾದರೂ ಆಡಬಹುದು, ಫ್ಯಾಮಿಲಿ ಗ್ರೂಪ್‌ನಲ್ಲಿರುವವರಿಗೆ 14 ದಿನಕ್ಕೆ ಕಡ ಕೊಡಲೂಬಹುದು.

ಪಿಸಿಯಲ್ಲಿ ಸ್ಟೀಮ್ ಫ್ಯಾಮಿಲೀಸ್ ಇದೆ, 2024ರಲ್ಲಿ ಬಂದದ್ದು. ಒಂದು ಮನೆಯ ಆರು ಅಕೌಂಟ್‌ವರೆಗೆ ಒಂದು ಗುಂಪು. ಗುಂಪಿನಲ್ಲಿ ಒಂದೇ ಪ್ರತಿ ಇದ್ದರೆ ಆ ಗೇಮನ್ನು ಒಂದು ಸಲಕ್ಕೆ ಒಬ್ಬರೇ ಆಡಬಹುದು, ಆದರೆ ಬೇರೆ ಬೇರೆ ಗೇಮ್ ಎಲ್ಲರೂ ಒಟ್ಟಿಗೆ ಆಡಬಹುದು. ಸೇವ್, ಅಚೀವ್‌ಮೆಂಟ್ ಅವರವರ ಅಕೌಂಟ್‌ಗೆ. ಕೆಲವು ಗೇಮ್‌ಗಳನ್ನು ತಯಾರಕರು ಹಂಚಿಕೆಗೆ ಬಿಟ್ಟಿಲ್ಲ, ಸ್ಟೋರ್ ಪುಟದಲ್ಲಿ ಫ್ಯಾಮಿಲಿ ಶೇರಿಂಗ್ ಅಂತ ಇದೆಯಾ ನೋಡಿಕೊಳ್ಳಿ. ಇಲ್ಲಿ ಎರಡು ಹುಳುಕುಗಳಿವೆ. ಒಂದು, ಗುಂಪು ಬಿಟ್ಟರೆ ಇನ್ನೊಂದಕ್ಕೆ ಸೇರಲು ಮೊದಲು ಸೇರಿದ ದಿನದಿಂದ ಒಂದು ವರ್ಷ ಕಾಯಬೇಕು, ಖಾಲಿಯಾದ ಜಾಗಕ್ಕೂ ಅಷ್ಟೇ. ಎರಡು, ನಿಮ್ಮ ಪ್ರತಿಯನ್ನು ಆಡುತ್ತಾ ಯಾರಾದರೂ ಚೀಟ್ ಮಾಡಿ ಬ್ಯಾನ್ ಆದರೆ ಆ ಗೇಮ್‌ನಲ್ಲಿ ನಿಮಗೂ ಬ್ಯಾನ್ ಬೀಳುತ್ತದೆ. ಗೆಳೆಯನ ತಮ್ಮನನ್ನೆಲ್ಲಾ ಸೇರಿಸಿಕೊಳ್ಳೋ ಮುಂಚೆ ಇದನ್ನು ಯೋಚಿಸಿ.

ಸ್ಕಿನ್, ಕಾಯಿನ್, ಸೇವ್

ಇಲ್ಲೇ ಜಾಸ್ತಿ ಜನ ಮುಗ್ಗರಿಸೋದು. ಲೈಸೆನ್ಸ್ ಇರೋದು ಸ್ಟೋರ್ ಅಕೌಂಟ್‌ನಲ್ಲಿ. ಗೇಮ್ ಒಳಗೆ ಕೊಂಡ ಸ್ಕಿನ್ (ಪಾತ್ರದ ವೇಷ), ಕಾಯಿನ್, ಬ್ಯಾಟಲ್ ಪಾಸ್ (ಆಡಿದಂತೆ ಬಹುಮಾನ ಕೊಡೋ ಪಾಸ್) ಇರೋದು ಬಹಳ ಸಲ ಗೇಮ್ ಕಂಪನಿಯ ಅಕೌಂಟ್‌ನಲ್ಲಿ, ಕೆಲವು ಸಲ ಮಾತ್ರ ಸ್ಟೋರ್ ಅಕೌಂಟ್‌ನಲ್ಲಿ. ಆಡಿದ ಮಟ್ಟ, ಅಂದರೆ ಸೇವ್, ಇರೋದು ಮೂರನೇ ಕಡೆ: ನಿಮ್ಮ ಹಾರ್ಡ್ ಡಿಸ್ಕ್‌ನಲ್ಲೋ, ಸ್ಟೋರ್‌ನ ಕ್ಲೌಡ್‌ನಲ್ಲೋ, ಕಂಪನಿಯ ಸರ್ವರ್‌ನಲ್ಲೋ. ಅದಕ್ಕೇ ಸ್ಟೋರ್ ಅಕೌಂಟ್ ಬದಲಾಯಿಸಿದಾಗ ಒಂದು ಗೇಮ್‌ನಲ್ಲಿ ಸ್ಕಿನ್ ಎಲ್ಲ ಹಾಗೇ ಇರುತ್ತವೆ, ಇನ್ನೊಂದರಲ್ಲಿ ಒಂದನೇ ಲೆವೆಲ್‌ನಿಂದ ಶುರು ಮಾಡಬೇಕಾಗುತ್ತದೆ.

ಮಾಡಬೇಕಾದ್ದು ಇಷ್ಟು. ಹಳೇ ಅಕೌಂಟ್‌ನಲ್ಲಿ ಇನ್ನೂ ಇರುವಾಗಲೇ ಪ್ರತಿ ಗೇಮ್‌ನ ಸೆಟ್ಟಿಂಗ್ಸ್ ತೆರೆದು, ಅದು ಯಾವ ಐಡಿಗೆ ಲಿಂಕ್ ಆಗಿದೆ ಅಂತ ನೋಡಿ. ಕಂಪನಿಯದೇ ಐಡಿ ಇದ್ದರೆ ಅದರ ಇಮೇಲ್, ಪಾಸ್‌ವರ್ಡ್ ನಿಮ್ಮ ಕೈಲಿದೆಯಾ ಖಚಿತ ಮಾಡಿಕೊಳ್ಳಿ. ಮೊಬೈಲ್ ಗೇಮನ್ನು ಗೆಸ್ಟ್ ಆಗಿ ಆಡುತ್ತಿದ್ದರಂತೂ ಮೊದಲು ಯಾವುದಾದರೂ ಐಡಿಗೆ ಕಟ್ಟಿಹಾಕಿ. ಗೆಸ್ಟ್ ಅಂದರೆ ಪ್ರಗತಿಯೆಲ್ಲ ಆ ಫೋನಿಗೇ ಅಂಟಿಕೊಂಡಿದೆ ಅಂತ, ರೀಸೆಟ್ ಮಾಡಿದರೆ ಹೋಯ್ತು. ಅನ್‌ಲಿಂಕ್ ಬಟನ್ ಒತ್ತೋ ಮುಂಚೆ ಎರಡು ಸಲ ಯೋಚಿಸಿ. ಹಲವು ಕಂಪನಿಗಳು ಒಂದು ಐಡಿಗೆ ಒಂದೇ ಪ್ಲೇಸ್ಟೇಷನ್ ಅಥವಾ ಎಕ್ಸ್‌ಬಾಕ್ಸ್ ಅಕೌಂಟ್ ಸೇರಿಸಲು ಬಿಡುತ್ತವೆ, ತೆಗೆದ ಮೇಲೆ ಬೇರೆಯದನ್ನು ಹಾಕಲು ಬಿಡದವೂ ಇವೆ. ಇದು ನನ್ನ ಪ್ರಕಾರ ಇಡೀ ವ್ಯವಸ್ಥೆಯಲ್ಲೇ ಅತಿ ಕಿರಿಕಿರಿಯ ಭಾಗ, ಯಾಕೆಂದರೆ ಎಚ್ಚರಿಕೆ ಇರೋದು ಯಾವುದೋ ಮೂಲೆಯ ಸಣ್ಣ ಅಕ್ಷರದಲ್ಲಿ.

ಸೇವ್ ವಿಷಯದಲ್ಲಿ ಪಿಸಿಯವರು ಪುಣ್ಯವಂತರು. ಎಷ್ಟೋ ಗೇಮ್‌ಗಳ ಸೇವ್ ಫೈಲ್‌ಗಳನ್ನು ಫೋಲ್ಡರ್‌ನಿಂದ ಫೋಲ್ಡರ್‌ಗೆ ಕಾಪಿ ಮಾಡಿದರೆ ಸಾಕು. ಕನ್ಸೋಲ್‌ನಲ್ಲಿ ಹಾಗಿಲ್ಲ. ಪಿಎಸ್4 ಸೇವ್ ಯುಎಸ್‌ಬಿಗೆ ಹಾಕಿಕೊಳ್ಳಬಹುದು, ಆದರೆ ಬೇರೆ ಅಕೌಂಟ್‌ನಲ್ಲಿ ಅದು ತೆರೆಯಲ್ಲ. ಪಿಎಸ್5 ಗೇಮ್‌ನ ಸೇವನ್ನು ಯುಎಸ್‌ಬಿಗೆ ಹಾಕಲೂ ಆಗಲ್ಲ. ಅರ್ಧ ಆಡಿದ ದೊಡ್ಡ ಗೇಮ್ ಇದ್ದರೆ ಹಳೇ ಅಕೌಂಟ್‌ನಲ್ಲೇ ಮುಗಿಸಿಬಿಡಿ.

ಫೋನ್‌ನಲ್ಲಿ ಕೊಂಡ ಗೇಮ್‌ಗಳಿಗೆ ಗೂಗಲ್ ಪ್ಲೇ ಫ್ಯಾಮಿಲಿ ಲೈಬ್ರರಿ ಇದೆ, ಅದೂ ಆರು ಜನಕ್ಕೆ, ಆದರೆ ಗೇಮ್ ಒಳಗಿನ ಖರೀದಿ ಹಂಚಿಕೆಯಾಗಲ್ಲ. ಆಪಲ್ ಮಾತ್ರ 2025ರ ಫೆಬ್ರವರಿಯಲ್ಲಿ ಒಂದು ಅಪರೂಪದ ಕೆಲಸ ಮಾಡಿತು: ಒಬ್ಬರದೇ ಎರಡು ಆಪಲ್ ಅಕೌಂಟ್ ಇದ್ದರೆ ಒಂದರ ಖರೀದಿಗಳನ್ನು ಇನ್ನೊಂದಕ್ಕೆ ಸಾಗಿಸೋ ಸೌಲಭ್ಯ. ಐರೋಪ್ಯ ಒಕ್ಕೂಟ, ಬ್ರಿಟನ್, ಭಾರತವನ್ನು ಬಿಟ್ಟು ಶುರುವಾಯಿತು ಅನ್ನೋದು ಬೇರೆ ಮಾತು.

ಕಂಪನಿಯೇ ಬದಲಾಯಿಸು ಅಂದಾಗ

ಆಪಲ್‌ನ ಆ ಸೌಲಭ್ಯ ಬಿಟ್ಟರೆ ಇದೊಂದೇ ಸಂದರ್ಭದಲ್ಲಿ ಗೇಮ್‌ಗಳು ಅಕೌಂಟ್‌ನಿಂದ ಅಕೌಂಟ್‌ಗೆ ನಿಜವಾಗಿ ಹೋಗುತ್ತವೆ, ಆದರೆ ಗಡುವು ಇರುತ್ತದೆ. ಮೈನ್‌ಕ್ರಾಫ್ಟ್ ಗೇಮ್‌ನ ಹಳೇ ಮೊಜಾಂಗ್ (ಅದನ್ನು ಮಾಡಿದ ಕಂಪನಿ) ಅಕೌಂಟ್‌ಗಳನ್ನು ಮೈಕ್ರೋಸಾಫ್ಟ್ ಅಕೌಂಟ್‌ಗೆ ಸಾಗಿಸಲು 2023ರ ಸೆಪ್ಟೆಂಬರ್ 19 ಕೊನೆ ದಿನವಾಗಿತ್ತು. ಅಷ್ಟರೊಳಗೆ ಮಾಡದವರಿಗೆ, ದುಡ್ಡು ಕೊಟ್ಟು ಕೊಂಡಿದ್ದರೂ, ಗೇಮ್ ಕೈತಪ್ಪಿತು. ಗೇಮ್ ಕಂಪನಿ ಬೆಥೆಸ್ಡಾ ತನ್ನ ಲಾಂಚರನ್ನು (ಪಿಸಿಯಲ್ಲಿ ಗೇಮ್ ಕೊಂಡು ತೆರೆಯೋ ಆ್ಯಪ್) 2022ರಲ್ಲಿ ಮುಚ್ಚಿದಾಗ ಗೇಮ್‌ಗಳನ್ನು ಸ್ಟೀಮ್‌ಗೆ ಸಾಗಿಸಿಕೊಳ್ಳಲು ದಾರಿ ಕೊಟ್ಟಿತ್ತು. ಇಂಥ ಸೂಚನೆ ಬರೋದು ನೀವು ತೆರೆಯದೇ ಇರೋ ಆ ಹಳೇ ಇಮೇಲ್‌ಗೇ, ಅದಕ್ಕೇ ಇಮೇಲ್ ಬದಲಾಯಿಸಿ ಅಂದಿದ್ದು.

ತಪ್ಪು ಅಕೌಂಟ್‌ನಲ್ಲಿ ಕೊಂಡುಬಿಟ್ಟರೆ

ಕನ್ಸೋಲ್‌ನಲ್ಲಿ ಇದು ಸುಲಭವಾಗಿ ಆಗುತ್ತದೆ, ಸ್ಟೋರನ್ನು ಯಾವ ಯೂಸರ್‌ನಿಂದ ತೆರೆದಿದ್ದೀರೋ ಅವರ ಹೆಸರಿಗೇ ಹೋಗುತ್ತದೆ. ಗೊತ್ತಾದ ಕ್ಷಣ ಡೌನ್‌ಲೋಡ್ ನಿಲ್ಲಿಸಿ. ಪ್ಲೇಸ್ಟೇಷನ್‌ನಲ್ಲಿ 14 ದಿನದೊಳಗೆ ವಾಪಸ್ ಕೇಳಬಹುದು, ಆದರೆ ಡೌನ್‌ಲೋಡ್ ಶುರುವಾಗಿದ್ದರೆ ಸಾಮಾನ್ಯವಾಗಿ ಕೊಡಲ್ಲ, ಹಾಗಾಗಿ ಆಟೋ ಡೌನ್‌ಲೋಡ್ ಆಫ್ ಇಟ್ಟಿರೋದು ಒಳ್ಳೆಯದು. ಸ್ಟೀಮ್‌ನಲ್ಲಿ 14 ದಿನ, ಎರಡು ಗಂಟೆಗಿಂತ ಕಡಿಮೆ ಆಡಿರಬೇಕು. ಗೂಗಲ್ ಪ್ಲೇಯಲ್ಲಿ 48 ಗಂಟೆಯೊಳಗೆ ಕೇಳಿ. ಸಿಟ್ಟಿಗೆ ಬ್ಯಾಂಕ್‌ಗೆ ಫೋನ್ ಮಾಡಿ ಪೇಮೆಂಟ್ ವಾಪಸ್ ತರಿಸಬೇಡಿ, ಹಾಗೆ ಮಾಡಿದರೆ ಅಕೌಂಟ್‌ಗೇ ಬೀಗ ಬೀಳಬಹುದು, ಒಂದು ಗೇಮ್‌ಗೋಸ್ಕರ ಎಲ್ಲ ಗೇಮ್ ಹೋಗುತ್ತವೆ.

ಅಕೌಂಟನ್ನೇ ಮಾರಿಬಿಡೋಣ, ಅಥವಾ ಇನ್ನೊಬ್ಬರದ್ದು ಕೊಂಡುಬಿಡೋಣ ಅನ್ನೋ ಯೋಚನೆ ಬೇಡ. ನಿಯಮಕ್ಕೆ ವಿರುದ್ಧ ಅನ್ನೋದು ಹಾಗಿರಲಿ, ಮೊದಲ ಇಮೇಲ್ ಮತ್ತು ಹಳೇ ರಸೀದಿ ಇರುವ ಮಾರಿದವನೇ ಸಪೋರ್ಟ್‌ಗೆ ಬರೆದು ಅಕೌಂಟ್ ವಾಪಸ್ ಪಡೆಯಬಹುದು. ಆಮೇಲೆ ನೀವು ಯಾರಿಗೂ ದೂರು ಕೊಡೋ ಸ್ಥಿತಿಯಲ್ಲಿ ಇರಲ್ಲ.

ಕನ್ಸೋಲ್ ಮಾರುವುದಾದರೆ, ಮಾರೋ ಮುಂಚೆ ಶೇರಿಂಗ್ ಅಥವಾ ಹೋಮ್ ಸೆಟ್ಟಿಂಗ್ ಆಫ್ ಮಾಡಿ, ಆಮೇಲೆ ಪೂರ್ತಿ ರೀಸೆಟ್ ಮಾಡಿ. ಮರೆತು ಕೊಟ್ಟುಬಿಟ್ಟರೆ ಪ್ಲೇಸ್ಟೇಷನ್‌ನಲ್ಲಿ ವೆಬ್‌ಸೈಟ್‌ನಿಂದ ಎಲ್ಲ ಕನ್ಸೋಲ್‌ಗಳನ್ನೂ ಒಟ್ಟಿಗೆ ಡಿಆಕ್ಟಿವೇಟ್ ಮಾಡಬಹುದು, ಆರು ತಿಂಗಳಿಗೆ ಒಂದು ಸಲ.